ಹೆಣ್ಣುಮಕ್ಕಳಿಗೆ ಅಂಕಣ ತೆರೆದ ಸೆಂಡಾ ಬೆರೆನ್ಸನ್

ಮಾರ್ಚ್ 19ನೆಯ ದಿನವನ್ನು ಕಥೋಲಿಕರಾದ ನಾವು ಸಂತ ಜೋಸೆಫರ ಹಬ್ಬವಾಗಿ ಆಚರಿಸುತ್ತೇವೆ. 1868ರ ಅದೇ ದಿನದಂದು, ಅಂದು ರಷ್ಯಾ ಸಾಮ್ರಾಜ್ಯದ ಆಡಳಿತದಲ್ಲಿದ್ದ ಲಿಥುವೇನಿಯಾದ ಬುಟ್ರಿಮೋನಿಸ್ ಎಂಬ ಸಣ್ಣ ಊರಿನಲ್ಲಿ, ಬಡ ಯೆಹೂದ್ಯ ಕುಟುಂಬವೊಂದರಲ್ಲಿ ಒಂದು ಹೆಣ್ಣುಮಗು ಜನಿಸಿತು. ಮುಂದೆ ಆ ಮಗುವೇ ಕಾಲೇಜು ಹೆಣ್ಣುಮಕ್ಕಳ ಕೈಗೆ ಬ್ಯಾಸ್ಕೆಟ್‌ಬಾಲ್ ಕೊಟ್ಟ ಮೊದಲ ತರಬೇತುದಾರರಾದ ಸೆಂಡಾ ಬೆರೆನ್ಸನ್ ಆದರು. ಸಂತರ ಹಾಗೂ ಧರ್ಮಪ್ರಚಾರಕರ ಜೀವನಚರಿತ್ರೆಗಳನ್ನು ಓದಿ ರೂಢಿಯಾದ ಈ ಅಂಕಣದ ವಾಚಕರಿಗೆ, ನಮ್ಮ ಧರ್ಮಸಭೆಗೆ ಸೇರದ ಮಹಿಳೆಯೊಬ್ಬರ ಬದುಕನ್ನು ಇಲ್ಲೇಕೆ ಹೇಳುತ್ತಿದ್ದೇವೆ ಎಂದು ಅನಿಸಬಹುದು. ಹೆಣ್ಣುಮಕ್ಕಳ ಶಿಕ್ಷಣವನ್ನು ತಲೆಮಾರುಗಳಿಂದ ಹೊಣೆಯಾಗಿ ಹೊತ್ತುಕೊಂಡು ಬಂದಿರುವ ಸಮುದಾಯ ನಮ್ಮದು. ಆ ಶಿಕ್ಷಣದಲ್ಲಿ ಆಟಕ್ಕೆ ಎಷ್ಟು ಜಾಗ ಎಂಬ ಪ್ರಶ್ನೆಯನ್ನು ಈ ಮಹಿಳೆಯಷ್ಟು ಗಂಭೀರವಾಗಿ ಎತ್ತಿಕೊಂಡವರು ವಿರಳ. ಕಾರಣ ಅಷ್ಟೇ.

ಸೆಂಡಾ ಅವರ ಕುಟುಂಬ 1875ರಲ್ಲಿ ಅಮೆರಿಕದ ಬಾಸ್ಟನ್ ನಗರಕ್ಕೆ ವಲಸೆ ಹೋಯಿತು. ಅಲ್ಲಿ ವಾಲ್ವ್ರೊಯೆನ್ಸ್ಕಿ ಎಂಬ ಹಳೆಯ ಮನೆತನದ ಹೆಸರನ್ನು ಬಿಟ್ಟು ಬೆರೆನ್ಸನ್ ಎಂಬ ಹೆಸರನ್ನು ಇಟ್ಟುಕೊಂಡರು. ತಂದೆ ಪಾತ್ರೆ-ಪಡಗ ಹೊತ್ತು ಮನೆಮನೆಗೆ ತಿರುಗಿ ಮಾರುತ್ತ ಸಂಸಾರ ನಡೆಸಿದರು. ಹಿರಿಯಣ್ಣ ಬರ್ನಾರ್ಡ್ ಹಾರ್ವರ್ಡ್‌ನಲ್ಲಿ ಓದಿ, ಇಟಲಿಯ ನವೋದಯ ಕಾಲದ ಚಿತ್ರಕಲೆಯ ಜಗದ್ವಿಖ್ಯಾತ ವಿದ್ವಾಂಸರಾದರು. ನಮ್ಮ ಓದುಗರಿಗೆ ಆಸಕ್ತಿ ಹುಟ್ಟಿಸಬಹುದಾದ ಸಂಗತಿಯೊಂದು ಇಲ್ಲಿದೆ: ಯೇಸುಸ್ವಾಮಿಯ ಜನನ, ಮಾತೆ ಮರಿಯಮ್ಮನವರ ಚಿತ್ರಗಳನ್ನು ನೋಡುತ್ತ ನೋಡುತ್ತ ಈ ಬರ್ನಾರ್ಡ್ 1891ರಲ್ಲಿ ಇಟಲಿಯ ಮೊಂತೆ ಒಲಿವೆತೊ ಮಠದಲ್ಲಿ ಕಥೋಲಿಕ ಧರ್ಮಸಭೆಯನ್ನು ಸೇರಿದರು. ಆ ವಿಶ್ವಾಸ ಅವರಲ್ಲಿ ಬಹುಕಾಲ ಗಟ್ಟಿಯಾಗಿ ನಿಲ್ಲಲಿಲ್ಲವೆಂಬುದು ಬೇರೆ ಮಾತು. ಅಣ್ಣ-ತಂಗಿಯರ ಅಕ್ಕರೆ ಮಾತ್ರ ಕೊನೆಯತನಕ ಉಳಿಯಿತು.

ಅಣ್ಣನಿಗೆ ವಿದ್ಯೆ ಒಲಿದಂತೆ ತಂಗಿಗೆ ದೇಹ ಒಲಿಯಲಿಲ್ಲ. ಬಾಸ್ಟನ್ನಿನ ಬಾಲಕಿಯರ ಲ್ಯಾಟಿನ್ ಶಾಲೆಗೆ ಸೇರಿದ ಸೆಂಡಾ, ಅನಾರೋಗ್ಯದಿಂದ ಅಲ್ಲಿಯ ಓದನ್ನು ಪೂರ್ತಿಗೊಳಿಸಲಾಗಲಿಲ್ಲ. ಸಂಗೀತದಲ್ಲಿ ಒಲವಿತ್ತು, ಪಿಯಾನೊ ಕಲಿಯಲು ಹೊರಟರೆ ಬೆನ್ನುನೋವು ಗಂಟೆಗಟ್ಟಲೆ ಕೂರಲು ಬಿಡಲಿಲ್ಲ. ಬೆನ್ನಿಗೆ ಕೊಂಚ ಬಲ ಬಂದೀತೆಂಬ ಆಸೆಯಿಂದ 1890ರಲ್ಲಿ ಬಾಸ್ಟನ್ ನಾರ್ಮಲ್ ಸ್ಕೂಲ್ ಆಫ್ ಜಿಮ್ನಾಸ್ಟಿಕ್ಸ್ ಎಂಬ ವ್ಯಾಯಾಮ ಶಿಕ್ಷಕಿಯರ ತರಬೇತಿ ಸಂಸ್ಥೆಯನ್ನು ಅವರು ಸೇರಿದರು. ಮೇರಿ ಹೆಮೆನ್ವೇ ಎಂಬ ದಾನಿ ಸ್ಥಾಪಿಸಿದ್ದ, ಏಮಿ ಹೋಮನ್ಸ್ ಎಂಬ ಶಿಸ್ತಿನ ಮಹಿಳೆ ನಡೆಸುತ್ತಿದ್ದ ಸಂಸ್ಥೆ ಅದು. ಮೊದಲಲ್ಲಿ ಐದು ನಿಮಿಷದ ವ್ಯಾಯಾಮವೂ ಅವರಿಗೆ ದುಸ್ಸಾಧ್ಯವಾಗಿದ್ದಿತು. ಆ ತರಗತಿಗಳ ಮೇಲೆ ಅವರಿಗೆ ಇದ್ದುದು ತಿರಸ್ಕಾರವೇ. ಮೂರು ತಿಂಗಳು ಕಳೆಯುವಷ್ಟರಲ್ಲಿ ಹಸಿವು ಹೆಚ್ಚಿತು, ಬೆನ್ನು ನೆಟ್ಟಗಾಯಿತು, ನಿದ್ರೆ ಹತ್ತಿತು. ರೋಗಿಯಾಗಿ ಬಂದವರು ಶಿಕ್ಷಕಿಯಾಗಿ ಹೊರಬಿದ್ದರು. ಕ್ರೀಡಾಪಟುಗಳಾಗಿ ಮೆರೆದು ತರಬೇತುದಾರರಾದವರ ಕಥೆಗಳು ಬೇಕಾದಷ್ಟಿವೆ. ಒಂದು ಮೆಟ್ಟಿಲು ಹತ್ತಿದರೆ ಏದುಸಿರು ಬರುವ ಹುಡುಗಿಯ ಕಷ್ಟವನ್ನು ಸ್ವಂತ ಮೈಯಲ್ಲಿ ಅನುಭವಿಸಿದ ತರಬೇತುದಾರರು ಇವರು, ಮತ್ತು ಆ ನೆನಪು ಅವರ ಬೋಧನೆಯಿಂದ ಎಂದೂ ಅಳಿಸಲಿಲ್ಲವೆಂದು ನಮಗೆ ತೋರುತ್ತದೆ.

1892ರ ಜನವರಿಯಲ್ಲಿ ಹೋಮನ್ಸ್ ಅವರು ಸೆಂಡಾರನ್ನು ಮ್ಯಾಸಚೂಸೆಟ್ಸ್ ರಾಜ್ಯದ ನಾರ್ತಾಂಪ್ಟನ್ ಪಟ್ಟಣದ ಸ್ಮಿತ್ ಮಹಿಳಾ ಕಾಲೇಜಿಗೆ ದೈಹಿಕ ಶಿಕ್ಷಣ ಕಲಿಸಲು ಕಳಿಸಿದರು. ಆಗ ಅವರಿಗೆ 23 ವರ್ಷ. ಅಂದಿನ ಕಾಲವನ್ನು ವಾಚಕರು ಕೊಂಚ ಮನಸ್ಸಿಗೆ ತಂದುಕೊಳ್ಳಬೇಕು. ಹೆಚ್ಚು ಓದಿದರೆ ಹೆಣ್ಣಿನ ಗರ್ಭಕೋಶಕ್ಕೆ ಹಾನಿ ಎಂದು ಬಾಸ್ಟನ್ನಿನ ಎಡ್ವರ್ಡ್ ಕ್ಲಾರ್ಕ್ ಎಂಬ ವೈದ್ಯರು 1873ರಲ್ಲಿ ಪುಸ್ತಕವನ್ನೇ ಬರೆದಿದ್ದರು; ಆ ಪುಸ್ತಕ ಮರುಮುದ್ರಣದ ಮೇಲೆ ಮರುಮುದ್ರಣ ಕಂಡಿತ್ತು. ಓದಿಗೇ ಹೀಗೆನ್ನುವವರು ಓಟಕ್ಕೆ ಏನೆಂದಾರು? ಮಹಿಳಾ ಕಾಲೇಜುಗಳಲ್ಲಿ ವ್ಯಾಯಾಮವೆಂದರೆ ಸಾಲಾಗಿ ನಿಂತು, ಶಿಕ್ಷಕಿಯ ಆಜ್ಞೆಗೆ ತಕ್ಕಂತೆ ಕೈಕಾಲು ಆಡಿಸುವ ಸ್ವೀಡಿಷ್ ಪದ್ಧತಿಯ ಕವಾಯತು. ವಿದ್ಯಾರ್ಥಿನಿಯರಿಗೆ ಅದು ಬೇಸರ ತರಿಸುತ್ತಿತ್ತು. ಬೇಸರದಿಂದ ಮಾಡಿದ ವ್ಯಾಯಾಮ ಮೈಗೆ ಹತ್ತುವುದಿಲ್ಲವೆಂಬುದನ್ನು ಸೆಂಡಾ ಬಲ್ಲವರಾಗಿದ್ದರು.

ಇದಕ್ಕೆ ಒಂದೇ ತಿಂಗಳ ಹಿಂದೆ, 1891ರ ಡಿಸೆಂಬರ್‌ನಲ್ಲಿ, ಸ್ಪ್ರಿಂಗ್‌ಫೀಲ್ಡ್ ಪಟ್ಟಣದ ವೈ.ಎಂ.ಸಿ.ಎ. ತರಬೇತಿ ಶಾಲೆಯಲ್ಲಿ ಜೇಮ್ಸ್ ನೈಸ್ಮಿತ್ ಎಂಬ ಅಧ್ಯಾಪಕರು ಪೀಚ್ ಹಣ್ಣಿನ ಎರಡು ಬುಟ್ಟಿಗಳನ್ನು ಗೋಡೆಗೆ ಹೊಡೆದು, 13 ನಿಯಮಗಳನ್ನು ಬರೆದು, ಚಳಿಗಾಲದಲ್ಲಿ ಒಳಾಂಗಣದಲ್ಲಿ ಆಡುವ ಹೊಸ ಆಟವೊಂದನ್ನು ಹುಟ್ಟುಹಾಕಿದ್ದರು. ಸ್ಪ್ರಿಂಗ್‌ಫೀಲ್ಡಿಗೂ ನಾರ್ತಾಂಪ್ಟನ್ನಿಗೂ ಇರುವ ಅಂತರ ಸುಮಾರು 30 ಕಿಲೋಮೀಟರು. ನಮ್ಮ ರಾಯಚೂರಿನಿಂದ ಮಾನ್ವಿಗೆ ಇರುವಷ್ಟೂ ಇಲ್ಲ. ನೈಸ್ಮಿತ್ ಬರೆದ ಲೇಖನವನ್ನು ವೈ.ಎಂ.ಸಿ.ಎ. ಪತ್ರಿಕೆಯಲ್ಲಿ ಓದಿದ ಸೆಂಡಾ, ಈ ಆಟವನ್ನು ತಮ್ಮ ವಿದ್ಯಾರ್ಥಿನಿಯರಿಗೆ ಕಲಿಸಿ ನೋಡಲು ನಿಶ್ಚಯಿಸಿದರು. ಆ ವರ್ಷವೇ ಸ್ಮಿತ್ ಕಾಲೇಜಿನ ವ್ಯಾಯಾಮಶಾಲೆಯಲ್ಲಿ ಚೆಂಡು ಪುಟಿಯತೊಡಗಿತು.

1893ರ ಮಾರ್ಚ್ ತಿಂಗಳಲ್ಲಿ ನಡೆದ ಪಂದ್ಯವನ್ನು ಮಹಿಳಾ ಕಾಲೇಜು ಬ್ಯಾಸ್ಕೆಟ್‌ಬಾಲಿನ ಮೊದಲ ಪಂದ್ಯವೆಂದು ಚರಿತ್ರೆ ಗುರುತಿಸುತ್ತದೆ. ಮೊದಲ ವರ್ಷದವರಿಗೂ ಎರಡನೆಯ ವರ್ಷದವರಿಗೂ ಸ್ಪರ್ಧೆ. ಸಡಿಲವಾದ ಚಲ್ಲಣದಂಥ ಉಡುಪು ತೊಟ್ಟ ಹುಡುಗಿಯರು ಅಂಗಳಕ್ಕಿಳಿಯಲಿದ್ದುದರಿಂದ ಗಂಡಸರಿಗೆ ಪ್ರವೇಶ ನಿಷಿದ್ಧವಾಗಿತ್ತು. ಬಾಗಿಲಿಗೆ ಬೀಗ ಬಿದ್ದಿತ್ತು. ಮೇಲಿನ ಮೊಗಸಾಲೆಯಲ್ಲಿ ತಮ್ಮ ತಮ್ಮ ತರಗತಿಯ ಬಣ್ಣದ ಪಟ್ಟಿಗಳನ್ನು ಹಿಡಿದ ವಿದ್ಯಾರ್ಥಿನಿಯರು ಕಿಕ್ಕಿರಿದಿದ್ದರು. ಕೂಗುವುದು ಹೆಣ್ಣುಮಕ್ಕಳಿಗೆ ಶೋಭೆಯಲ್ಲವೆಂದು ಅವರಿಗೆ ಹಾಡಲು ಮಾತ್ರ ಅಪ್ಪಣೆಯಿತ್ತು. ಹಾಡೂ ಕೂಗಿನಷ್ಟೇ ಜೋರಾಗಿದ್ದಿರಬೇಕು! ಸೆಂಡಾ ಅವರೇ ಚೆಂಡನ್ನು ಮೇಲಕ್ಕೆ ಎಸೆದು ಪಂದ್ಯ ಆರಂಭಿಸಿದರು. ಆ ಮೊದಲ ಎಸೆತದಲ್ಲೇ ಅವಘಡ ಸಂಭವಿಸಿತು: ಮೊದಲ ವರ್ಷದ ತಂಡದ ನಾಯಕಿಯ ಚಾಚಿದ ತೋಳಿಗೆ ಪೆಟ್ಟು ತಗಲಿ ಭುಜದ ಕೀಲು ತಪ್ಪಿತು. ಆಕೆಯನ್ನು ಒಳಗೆ ಕರೆದೊಯ್ದು ಕೀಲನ್ನು ಕೂರಿಸಿ, ಬೇರೊಬ್ಬಳನ್ನು ಇಳಿಸಿ ಆಟ ಮುಂದುವರಿಸಲಾಯಿತು. ಎರಡನೆಯ ವರ್ಷದವರು 5-4ರಿಂದ ಗೆದ್ದರು.

ಯೋಚಿಸಿ ನೋಡಿದರೆ ಆ ಭುಜದ ಜೊತೆಗೆ ಇಡೀ ಪ್ರಯೋಗವೇ ಕುಸಿಯಬಹುದಿತ್ತು. ಹೆಣ್ಣುಮಕ್ಕಳಿಗೆ ಇದೆಲ್ಲ ಸಲ್ಲದೆನ್ನುವವರ ಕೈಗೆ ಅದಕ್ಕಿಂತ ಉತ್ತಮ ಸಾಕ್ಷಿ ಬೇಕಿರಲಿಲ್ಲ. ಸೆಂಡಾ ಆಟವನ್ನು ನಿಲ್ಲಿಸಲಿಲ್ಲ. ನಿಯಮಗಳನ್ನು ಬದಲಿಸುವ ದಾರಿ ಹಿಡಿದರು. ಅವರ ಬದುಕಿನ ಮುಖ್ಯ ಕಾರ್ಯ ಇದೇ, ವಿವಾದವೂ ಇಲ್ಲೇ ಇದೆ.

ಅವರು ಅಂಕಣವನ್ನು ಗೆರೆ ಎಳೆದು ಮೂರು ಭಾಗ ಮಾಡಿದರು. ಪ್ರತಿ ಆಟಗಾರ್ತಿ ತನಗೆ ಗೊತ್ತುಪಡಿಸಿದ ಭಾಗದಲ್ಲೇ ಆಡಬೇಕು, ಗೆರೆ ದಾಟುವಂತಿಲ್ಲ. ಎದುರಾಳಿಯ ಕೈಯಲ್ಲಿರುವ ಚೆಂಡನ್ನು ಕಸಿಯುವಂತಿಲ್ಲ, ಬಡಿದು ಬೀಳಿಸುವಂತಿಲ್ಲ. ಚೆಂಡನ್ನು 3 ಸೆಕೆಂಡಿಗಿಂತ ಹೆಚ್ಚು ಹಿಡಿದುಕೊಳ್ಳಬಾರದು. 3 ಸಲಕ್ಕಿಂತ ಹೆಚ್ಚು ಪುಟಿಸಬಾರದು. ಇದರ ಫಲ ಎರಡು ಬಗೆಯದು. ಓಟ ತಗ್ಗಿದ್ದರಿಂದ ವೈದ್ಯರ ಮತ್ತು ತಾಯ್ತಂದೆಯರ ಆಕ್ಷೇಪಣೆ ತಣ್ಣಗಾಯಿತು. ಒಬ್ಬಳೇ ಗಟ್ಟಿಗಿತ್ತಿ ಚೆಂಡನ್ನು ಈ ತುದಿಯಿಂದ ಆ ತುದಿಗೆ ಒಯ್ದು ಎಲ್ಲ ಅಂಕಗಳನ್ನೂ ಬಾಚಿಕೊಳ್ಳುವುದು ಅಸಾಧ್ಯವಾಯಿತು. ಚೆಂಡು ಬುಟ್ಟಿ ಸೇರಬೇಕಾದರೆ ಮೂರೂ ಭಾಗದವರ ಕೈ ಹಾದು ಹೋಗಲೇಬೇಕು. ಅಶಕ್ತಳಾದ ಹುಡುಗಿಗೂ ಚೆಂಡು ಸಿಗುವಂತಾಯಿತು. ಹಿಂದೆ ಬಾಸ್ಟನ್ನಿನಲ್ಲಿ ಐದು ನಿಮಿಷಕ್ಕೇ ಬಳಲುತ್ತಿದ್ದ ಹುಡುಗಿಯೊಬ್ಬಳು ಇಂಥ ನಿಯಮ ಬರೆದದ್ದರಲ್ಲಿ ಆಶ್ಚರ್ಯವೇನಿದೆ?

ನಮ್ಮ ಶಾಲೆಗಳಲ್ಲಿ ನೆಟ್‌ಬಾಲ್ ಆಡಿದವರಿಗೆ ಈ ನಿಯಮಗಳು ಅಪರಿಚಿತವಲ್ಲ. ಮಹಿಳಾ ಬ್ಯಾಸ್ಕೆಟ್‌ಬಾಲ್ ಇಂಗ್ಲೆಂಡಿಗೆ ಹೋಗಿ ನೆಟ್‌ಬಾಲ್ ಆಯಿತು. ಅಂಕಣದ ಮೂರು ಭಾಗಗಳೂ ಮೂರು ಸೆಕೆಂಡಿನ ಕಟ್ಟಳೆಯೂ ಅದರಲ್ಲಿ ಇಂದಿಗೂ ಉಳಿದಿವೆ. ಹೆಣ್ಣುಮಕ್ಕಳ ಅಚ್ಚುಮೆಚ್ಚಿನ ಥ್ರೋಬಾಲಿನಲ್ಲಿಯೂ ಹಿಡಿದ ಚೆಂಡನ್ನು 3 ಸೆಕೆಂಡಿನೊಳಗೆ ಎಸೆಯಬೇಕು.

ಸ್ಮಿತ್ ಕಾಲೇಜಿನಿಂದ ಆಟ ಕಾಡ್ಗಿಚ್ಚಿನಂತೆ ಹರಡಿತು. 1896ರ ಏಪ್ರಿಲ್‌ನಲ್ಲಿ ಅಮೆರಿಕದ ಪಶ್ಚಿಮ ಕರಾವಳಿಯಲ್ಲಿ ಸ್ಟ್ಯಾನ್‌ಫರ್ಡ್ ಮತ್ತು ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯಗಳ ಹೆಣ್ಣುಮಕ್ಕಳು ಮೊದಲ ಅಂತರ ಕಾಲೇಜು ಪಂದ್ಯ ಆಡಿದರು. ಸ್ಟ್ಯಾನ್‌ಫರ್ಡ್ 2-1ರಿಂದ ಗೆದ್ದಿತು. ಒಂದೊಂದು ಕಡೆ ಒಂದೊಂದು ನಿಯಮ ಬಳಕೆಯಾಗುತ್ತಿದ್ದುದರಿಂದ 1899ರಲ್ಲಿ ಸಮಾನ ನಿಯಮಗಳನ್ನು ರೂಪಿಸಲು ಸಮಿತಿಯೊಂದು ರಚನೆಯಾಯಿತು. ಸೆಂಡಾ ಸಂಪಾದಿಸಿದ ನಿಯಮಗಳ ಪುಸ್ತಕವನ್ನು ಸ್ಪಾಲ್ಡಿಂಗ್ ಎಂಬ ಕ್ರೀಡಾಸಾಮಗ್ರಿ ಕಂಪನಿ ಪ್ರಕಟಿಸಿತು. 1905ರಿಂದ 1917ರವರೆಗೆ ಅವರೇ ಮಹಿಳಾ ಬ್ಯಾಸ್ಕೆಟ್‌ಬಾಲ್ ಸಮಿತಿಯ ಅಧ್ಯಕ್ಷರಾಗಿದ್ದರು. ಈ ನಡುವೆ 1897ರಲ್ಲಿ ಸ್ಟಾಕ್‌ಹೋಮಿಗೆ ಹೋಗಿ ಅಲ್ಲಿನ ರಾಯಲ್ ವ್ಯಾಯಾಮ ಸಂಸ್ಥೆಯಲ್ಲಿ ಅಧ್ಯಯನ ನಡೆಸಿ ಬಂದರು. ಕತ್ತಿವರಸೆ, ಜಾನಪದ ನೃತ್ಯಗಳನ್ನು ಕಾಲೇಜಿಗೆ ತಂದರು. ಇಂಗ್ಲೆಂಡಿನಿಂದ ಬಂದ ಕಾನ್‌ಸ್ಟೆನ್ಸ್ ಆಪಲ್‌ಬೀ ಅವರ ನೆರವಿನಿಂದ ಹಾಕಿಯನ್ನೂ ಆರಂಭಿಸಿದರು.

ಆದರೆ ತಮ್ಮ ವಿದ್ಯಾರ್ಥಿನಿಯರು ಬೇರೆ ಕಾಲೇಜುಗಳ ವಿರುದ್ಧ ಆಡುವುದನ್ನು ಅವರು ಒಪ್ಪಲಿಲ್ಲ. ಗೆಲುವಿನ ಹಂಬಲ ಹೆಚ್ಚಾದಂತೆ ಒರಟುತನ ಬೆಳೆಯುತ್ತದೆ, ಕೆಲವೇ ಚತುರೆಯರು ಆಡಿ ಉಳಿದವರು ನೋಡುವವರಾಗುತ್ತಾರೆ ಎಂಬುದು ಅವರ ಭೀತಿ. ಈ ಭೀತಿ ನಿರಾಧಾರವೆಂದು ಹೇಳಲಾರೆವು. ಇಂದು ಒಂದು ಶಾಲೆಯಲ್ಲಿ 12 ಮಂದಿಯ ತಂಡ ಕಟ್ಟಿ ಉಳಿದ 400 ಮಕ್ಕಳಿಗೆ ಚಪ್ಪಾಳೆ ತಟ್ಟುವ ಕೆಲಸ ಕೊಡುವುದನ್ನು ಎಲ್ಲ ಕಡೆಯೂ ಕಾಣಬಹುದು. ಆದರೂ ಈ ವಿಷಯದಲ್ಲಿ ಸೆಂಡಾರೊಡನೆ ನಾವು ಪೂರ್ತಿ ಸಮ್ಮತಿಸಲಾರೆವು. ಹೆಣ್ಣು ದುರ್ಬಲಳೆಂಬ ಕಾಲದ ಎಣಿಕೆಯನ್ನು ಅವರು ಮುರಿದದ್ದು ಅರ್ಧ ಮಾತ್ರ. ಒಳಗೆ ಬರಲು ಅನುಕೂಲವಾಗಲೆಂದು ಎಳೆದ ಗೆರೆ, ಒಳಗೆ ಬಂದವರನ್ನು ಕಟ್ಟಿಹಾಕುವ ಗೆರೆಯೂ ಆಯಿತು. 1938ರಲ್ಲಿ ಮೂರು ಭಾಗಗಳು ಎರಡಾದವು. ಬೇಕಾದಷ್ಟು ಸಲ ಚೆಂಡು ಪುಟಿಸಲು ಹೆಣ್ಣುಮಕ್ಕಳಿಗೆ ಅನುಮತಿ ದೊರೆತದ್ದು 1966ರಲ್ಲಿ; ಐವರ ತಂಡ ಪೂರ್ಣ ಅಂಕಣದಲ್ಲಿ ಓಡಾಡುವ ಆಟ ಕಾಲೇಜುಗಳಲ್ಲಿ ಅಧಿಕೃತವಾದದ್ದು 1971ರಲ್ಲಿ. ಅಯೋವಾ ರಾಜ್ಯದ ಹೈಸ್ಕೂಲುಗಳಲ್ಲಿ ಅರ್ಧ ಅಂಕಣದ ಆಟ 1993ರವರೆಗೂ ನಡೆದಿತ್ತು. ತಾತ್ಕಾಲಿಕ ಏರ್ಪಾಡೊಂದು ನೂರು ವರ್ಷ ಬಾಳಿದ್ದಕ್ಕೆ ಸೆಂಡಾ ಒಬ್ಬರನ್ನೇ ದೂರಲಾಗದು. ಗೆರೆಯನ್ನು ಅಳಿಸುವ ಕಾಲ ಬಂದಾಗ ಅದನ್ನು ಕಾಣದೆ ಹೋದವರು ಅವರ ನಂತರದವರು.

ಪೂರ್ಣ ಅಂಕಣದ ಆಟ ಬಂದೊಡನೆ ಅಮೆರಿಕದಲ್ಲಿ ಮೊದಲು ಮೆರೆದದ್ದು ಒಂದು ಸಣ್ಣ ಕಥೋಲಿಕ ಮಹಿಳಾ ಕಾಲೇಜು. ಪೆನ್ಸಿಲ್ವೇನಿಯಾದಲ್ಲಿ ಮಾತೆ ಮರಿಯಮ್ಮನವರ ನಿರ್ಮಲ ಹೃದಯದ ಸೇವಕಿಯರೆಂಬ ಧರ್ಮಭಗಿನಿಯರು ನಡೆಸುತ್ತಿದ್ದ ಇಮ್ಮಾಕುಲಾಟಾ ಕಾಲೇಜಿನ ತಂಡ 1972, 1973 ಮತ್ತು 1974ರಲ್ಲಿ ಸತತವಾಗಿ ರಾಷ್ಟ್ರೀಯ ಪ್ರಶಸ್ತಿ ಗಳಿಸಿತು. ಅದರ ಪಂದ್ಯಗಳಿಗೆ ನಿಲುವಂಗಿ ತೊಟ್ಟ ಭಗಿನಿಯರು ಬಂದು ಕುಳಿತು ತಗಡಿನ ಬಕೆಟ್ಟುಗಳನ್ನು ಬಡಿದು ಹುರಿದುಂಬಿಸುತ್ತಿದ್ದರು. ಹಾಡಲು ಮಾತ್ರ ಅಪ್ಪಣೆಯಿದ್ದ 1893ರಿಂದ ಇಲ್ಲಿಗೆ 80 ವರ್ಷ ಹಿಡಿದಿತ್ತು. 1976ರಲ್ಲಿ ಮಾಂಟ್ರಿಯಲ್ ಒಲಿಂಪಿಕ್ಸಿಗೆ ಮಹಿಳಾ ಬ್ಯಾಸ್ಕೆಟ್‌ಬಾಲ್ ಸೇರಿತು.

ಇದೆಲ್ಲವನ್ನು ಕಾಣಲು ಸೆಂಡಾ ಉಳಿದಿರಲಿಲ್ಲ. 1911ರಲ್ಲಿ ಸ್ಮಿತ್ ಕಾಲೇಜಿನ ಇಂಗ್ಲಿಷ್ ಪ್ರಾಧ್ಯಾಪಕ ಹರ್ಬರ್ಟ್ ವಾನ್ ಆಬಟ್ ಅವರನ್ನು ವಿವಾಹವಾಗಿ ಅವರು ಕಾಲೇಜಿನ ಹುದ್ದೆ ಬಿಟ್ಟರು. ನಂತರ 1921ರವರೆಗೆ ಅದೇ ಪಟ್ಟಣದ ಬರ್ನ್‌ಹ್ಯಾಮ್ ಬಾಲಕಿಯರ ಶಾಲೆಯಲ್ಲಿ ದೈಹಿಕ ಶಿಕ್ಷಣದ ಮೇಲ್ವಿಚಾರಣೆ ನೋಡಿಕೊಂಡರು. 1929ರಲ್ಲಿ ಪತಿ ತೀರಿಕೊಂಡರು. ಮುಂದಿನ ವರ್ಷಗಳನ್ನು ಸಂಗೀತ ಮತ್ತು ಪ್ರವಾಸಗಳಲ್ಲಿ ಕಳೆದು, ಕೊನೆಗೆ ಕ್ಯಾಲಿಫೋರ್ನಿಯಾದ ಸಾಂತಾ ಬಾರ್ಬರಾದಲ್ಲಿ ನೆಲೆಸಿ, 1954ರ ಫೆಬ್ರವರಿ 16ರಂದು ಅವರು ನಿಧನ ಹೊಂದಿದರು. ಸ್ಪ್ರಿಂಗ್‌ಫೀಲ್ಡಿನ ನೈಸ್ಮಿತ್ ಕೀರ್ತಿಭವನ 1985ರಲ್ಲಿ ಮಾರ್ಗರೆಟ್ ವೇಡ್ ಅವರೊಂದಿಗೆ ಸೆಂಡಾ ಅವರ ಹೆಸರನ್ನೂ ಸೇರಿಸಿಕೊಂಡಿತು. ಆ ಭವನ ಸೇರಿದ ಮೊದಲ ಮಹಿಳೆಯರಲ್ಲಿ ಇವರಿಬ್ಬರೂ ಇದ್ದಾರೆ.

ನಮ್ಮ ದಕ್ಷಿಣ ಭಾರತಕ್ಕೂ ಸ್ಪ್ರಿಂಗ್‌ಫೀಲ್ಡಿಗೂ ಒಂದು ನಂಟುಂಟು. ಅಲ್ಲಿಯೇ ತರಬೇತಿ ಪಡೆದ ಹ್ಯಾರಿ ಕ್ರೋ ಬಕ್ ಎಂಬುವರು 1920ರಲ್ಲಿ ಮದರಾಸಿನಲ್ಲಿ ವೈ.ಎಂ.ಸಿ.ಎ. ದೈಹಿಕ ಶಿಕ್ಷಣ ಕಾಲೇಜನ್ನು ತೆರೆದರು. ಅಲ್ಲಿ ಕಲಿತವರು ದಕ್ಷಿಣದ ಶಾಲೆ-ಕಾಲೇಜುಗಳ ಮೈದಾನಗಳಿಗೆ ಚೆಂಡಾಟಗಳನ್ನು ಒಯ್ದರು.

ಆದರೆ ಕೃಷ್ಣೆ-ತುಂಗಭದ್ರೆಯರ ನಡುವಿನ ನಮ್ಮ ಸೀಮೆಯ ಹೆಣ್ಣುಮಕ್ಕಳಿಗೆ ಮೈದಾನ ಎಷ್ಟು ಕಾಲ ಸಿಗುತ್ತದೆ? 2011ರ ಜನಗಣತಿಯಂತೆ ರಾಯಚೂರು ಜಿಲ್ಲೆಯ ಮಹಿಳಾ ಸಾಕ್ಷರತೆ ಶೇ. 50ನ್ನೂ ಮುಟ್ಟಿರಲಿಲ್ಲ. ದೇವದುರ್ಗ, ಮಾನ್ವಿ ತಾಲ್ಲೂಕುಗಳ ಹಳ್ಳಿಗಳಲ್ಲಿ ಹತ್ತಿ ಬಿಡಿಸುವ ಕಾಲ ಬಂದರೆ ಹುಡುಗಿಯರ ಹಾಜರಿ ತೆಳುವಾಗುತ್ತದೆಂಬುದು ಶಿಕ್ಷಕಿಯರಿಗೆಲ್ಲ ತಿಳಿದದ್ದೇ. ಶಾಲೆ ಬಿಡದೆ ಉಳಿದವಳೂ ದೊಡ್ಡವಳಾದ ಮರುದಿನದಿಂದ ಆಟ ಬಿಡುತ್ತಾಳೆ. ಹತ್ತನೇ ಇಯತ್ತೆಗೆ ಬಂದರೆ ಆಟದ ಪೀರಿಯಡ್ಡನ್ನು ಗಣಿತ ನುಂಗುತ್ತದೆ. ರಾಯಚೂರು ನಗರದ ಕಾನ್ವೆಂಟುಗಳ ಅಂಗಳದಲ್ಲಾಗಲಿ, ಮಾನ್ವಿ-ಪನ್ನೂರು ಭಾಗದಲ್ಲಿ ಯೇಸುಸಭೆಯವರು ದಲಿತ ಮಕ್ಕಳಿಗಾಗಿ ಕಟ್ಟಿರುವ ಶಾಲೆಗಳಲ್ಲಾಗಲಿ ಈ ಎಳೆದಾಟ ತಪ್ಪಿದ್ದಲ್ಲ. ಕ್ರೀಡೆಯನ್ನು ಕುರಿತು ವ್ಯಾಟಿಕನ್ 2018ರ ಜೂನ್‌ನಲ್ಲಿ ಪ್ರತ್ಯೇಕ ದಾಖಲೆಯೊಂದನ್ನೇ ಹೊರಡಿಸಿ, ಆಟ ಎಲ್ಲರಿಗೂ ಸಿಗುವಂತಿರಬೇಕೆಂದು ತಿಳಿಸಿದೆ. ಅದಕ್ಕೆ ಬ್ಯಾಸ್ಕೆಟ್‌ಬಾಲಿನ ಸಿಮೆಂಟು ಅಂಕಣವೇ ಬೇಕೆಂದಿಲ್ಲ. ಏಪ್ರಿಲ್-ಮೇ ತಿಂಗಳ ರಾಯಚೂರಿನ ಬಿಸಿಲಿನಲ್ಲಿ ಹಗಲು ಯಾರೂ ಆಡಲಾರರು, ನಿಜ. ಬೆಳಿಗ್ಗೆ ಆರರಿಂದ ಎಂಟರವರೆಗೆ ದೇವಾಲಯದ ಆವರಣದ ಗೇಟು ತೆರೆದಿಟ್ಟು, ನೆಲಕ್ಕೆ ಸುಣ್ಣದ ಪುಡಿಯ ಗೆರೆ ಎಳೆದು, ಒಂದು ಚೆಂಡು ಕೊಡುವುದು ನಮ್ಮ ಧರ್ಮಕೇಂದ್ರಗಳ ಪಾಲನಾ ಸಮಿತಿಗಳಿಗೆ ಅಸಾಧ್ಯವೇನಲ್ಲ. ಈ ಬೇಸಿಗೆ ರಜೆ ಆರಂಭವಾಗುವ ಮುನ್ನ ಸಮಿತಿಗಳ ಸಭೆಗಳಲ್ಲಿ ಈ ವಿಷಯ ಚರ್ಚೆಗೆ ಬರಲೆಂದು ಕೋರುತ್ತೇವೆ.