ಪ್ರೊ. ಪ್ರಶಾಂತ ಚಂದ್ರ ಮಹಾಲನೋಬಿಸ್ (1893–1972): ಮಾದರಿ ಸಮೀಕ್ಷೆಯ ವಿಶ್ವಾಸಾರ್ಹತೆ

ಜನನ ಮತ್ತು ವಿದ್ಯಾಭ್ಯಾಸ

ಭಾರತೀಯ ಸಂಖ್ಯಾಶಾಸ್ತ್ರದ ಪಿತಾಮಹರೆಂದು ಗೌರವಿಸಲ್ಪಡುವ ಪ್ರೊ. ಮಹಾಲನೋಬಿಸ್ ಅವರು 1893ರ ಜೂನ್ 29ರಂದು ಕಲ್ಕತ್ತಾದಲ್ಲಿ ಜನಿಸಿದರು. ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಪದವಿ ಪಡೆದು, ಕೇಂಬ್ರಿಡ್ಜ್ ವಿಶ್ವವಿದ್ಯಾಲಯದಲ್ಲಿ ಉನ್ನತ ವ್ಯಾಸಂಗ ಕೈಗೊಂಡರು. ಸ್ವದೇಶಕ್ಕೆ ಮರಳಿ ಭೌತಶಾಸ್ತ್ರದ ಪ್ರಾಧ್ಯಾಪಕರಾಗಿ ಸೇವೆ ಸಲ್ಲಿಸುತ್ತಲೇ ಸಂಖ್ಯಾಶಾಸ್ತ್ರದ ಅಧ್ಯಯನದಲ್ಲಿ ತೊಡಗಿ, 1931ರಲ್ಲಿ ಭಾರತೀಯ ಸಾಂಖ್ಯಿಕ ಸಂಸ್ಥೆಯನ್ನು ಸ್ಥಾಪಿಸಿದರು.

ಸಮೀಕ್ಷಾ ವಿಧಾನ

ಕೆಲವರನ್ನು ಮಾತ್ರ ವಿಚಾರಿಸಿ ಪಡೆದ ಮಾಹಿತಿಯು ಎಲ್ಲರಿಗೂ ಅನ್ವಯಿಸುವುದೇ ಎಂಬ ಸಂದೇಹ ಅಂದು ವ್ಯಾಪಕವಾಗಿತ್ತು. 1937ರಲ್ಲಿ ಬಂಗಾಳದ ಸೆಣಬು ಬೆಳೆಯ ಸಮೀಕ್ಷೆಯನ್ನು ಆರಂಭಿಸಿದ ಅವರು ಈ ಸಂದೇಹವನ್ನು ಪ್ರಯೋಗಗಳ ಮೂಲಕವೇ ಪರೀಕ್ಷಿಸಿದರು. ಮೊದಲಿಗೆ ಸಣ್ಣ ಪ್ರಮಾಣದ ಪ್ರಾಯೋಗಿಕ ಸಮೀಕ್ಷೆ ನಡೆಸಿ, ವೆಚ್ಚ ಹಾಗೂ ದೋಷಗಳನ್ನು ಅಂದಾಜಿಸಿ, ನಂತರ ವರ್ಷದಿಂದ ವರ್ಷಕ್ಕೆ ಅದನ್ನು ವಿಸ್ತರಿಸಿದರು. ಸಮೀಕ್ಷೆಗೆ ಒಳಪಡುವ ಸ್ಥಳಗಳನ್ನು ಸಿಬ್ಬಂದಿಯ ಇಚ್ಛೆಗೆ ಬಿಡದೆ ಯಾದೃಚ್ಛಿಕವಾಗಿ ಆಯ್ಕೆ ಮಾಡಲಾಗುತ್ತಿತ್ತು.

ಮಾದರಿಯ ಆಯ್ಕೆ ಸರಿಯಿದ್ದರೂ ಮಾಹಿತಿ ಸಂಗ್ರಹಿಸುವವರಿಂದ ತಪ್ಪುಗಳಾಗಬಹುದೆಂಬುದನ್ನು ಅವರು ಮನಗಂಡಿದ್ದರು. ಆದ್ದರಿಂದ ಒಂದೇ ಪ್ರದೇಶದಿಂದ ಎರಡು ಸ್ವತಂತ್ರ ಉಪಮಾದರಿಗಳನ್ನು ಆರಿಸಿ, ಪ್ರತ್ಯೇಕ ತಂಡಗಳಿಗೆ ವಹಿಸುವ ಪದ್ಧತಿಯನ್ನು ಜಾರಿಗೆ ತಂದರು. ಎರಡೂ ಫಲಿತಾಂಶಗಳು ಹೊಂದಿಕೆಯಾದರೆ ಅಂದಾಜಿನ ಮೇಲೆ ವಿಶ್ವಾಸ ಹೆಚ್ಚುತ್ತಿತ್ತು. ವ್ಯತ್ಯಾಸ ಅಧಿಕವಾದರೆ ಕ್ಷೇತ್ರಕಾರ್ಯದ ಲೋಪ ಬೆಳಕಿಗೆ ಬರುತ್ತಿತ್ತು. ಬೆಳೆಗಳಲ್ಲದೆ ಕುಟುಂಬಗಳ ವೆಚ್ಚ, ಚಹಾ ಸೇವನೆ ಹಾಗೂ ಸಾರ್ವಜನಿಕ ಅಭಿಪ್ರಾಯಗಳನ್ನು ಕುರಿತೂ ಈ ಅವಧಿಯಲ್ಲಿ ಸಮೀಕ್ಷೆಗಳನ್ನು ನಡೆಸಲಾಯಿತು.

ರಾಷ್ಟ್ರಸೇವೆ

ಅವರ ಮಾರ್ಗದರ್ಶನದಲ್ಲಿ 1950ರಲ್ಲಿ ರಾಷ್ಟ್ರೀಯ ಮಾದರಿ ಸಮೀಕ್ಷೆ ಅಸ್ತಿತ್ವಕ್ಕೆ ಬಂದಿತು. ದೇಶದ ಲಕ್ಷಾಂತರ ಗ್ರಾಮಗಳ ಪೈಕಿ 1,833 ಗ್ರಾಮಗಳನ್ನು ಅದರ ಮೊದಲ ಸುತ್ತಿಗೆ ಆಯ್ಕೆ ಮಾಡಲಾಯಿತು. ಎರಡನೆಯ ಪಂಚವಾರ್ಷಿಕ ಯೋಜನೆಯ ರೂಪರೇಷೆಯನ್ನೂ ಸಿದ್ಧಪಡಿಸಿದ ಅವರಿಗೆ 1968ರಲ್ಲಿ ಪದ್ಮವಿಭೂಷಣ ಪ್ರಶಸ್ತಿ ನೀಡಿ ಗೌರವಿಸಲಾಯಿತು. 1972ರ ಜೂನ್ 28ರಂದು ಅವರು ನಿಧನರಾದರು. 2007ರಿಂದ ಅವರ ಜನ್ಮದಿನವನ್ನು ಸಾಂಖ್ಯಿಕ ದಿನವನ್ನಾಗಿ ಆಚರಿಸಲಾಗುತ್ತಿದೆ.

ನಾಗರಿಕರ ಗಮನಕ್ಕೆ

ಅವರ ಕಾರ್ಯದಿಂದ ದೊರೆಯುವ ಮಾನದಂಡಗಳು ಚುನಾವಣಾ ಸಮೀಕ್ಷೆ ಸೇರಿದಂತೆ ಎಲ್ಲ ಜನಾಭಿಪ್ರಾಯ ಸಮೀಕ್ಷೆಗಳಿಗೂ ಅನ್ವಯಿಸುತ್ತವೆ. ಎಷ್ಟು ಜನರನ್ನು ವಿಚಾರಿಸಲಾಗಿದೆ ಎಂಬುದಷ್ಟೇ ಅಲ್ಲದೆ, ಅವರನ್ನು ಹೇಗೆ ಆಯ್ಕೆ ಮಾಡಲಾಯಿತು, ಯಾರು ಬಿಟ್ಟುಹೋದರು, ದೋಷದ ಪ್ರಮಾಣವೆಷ್ಟು ಎಂಬುದನ್ನೂ ಗಮನಿಸಬೇಕು. ಆಯ್ಕೆಯಾದ ಒಂದು ಕುಟುಂಬದ ಉತ್ತರವು ಸಮೀಕ್ಷೆಗೆ ಒಳಪಡದ ಅನೇಕ ಕುಟುಂಬಗಳ ಪರವಾಗಿಯೂ ಲೆಕ್ಕಕ್ಕೆ ಬರುತ್ತದೆ. ಆದುದರಿಂದ ಸಮೀಕ್ಷೆಗಾಗಿ ಮನೆಗೆ ಬರುವ ಅಧಿಕೃತ ಸಿಬ್ಬಂದಿಗೆ ಸಾರ್ವಜನಿಕರು ನಿಖರವಾದ ಮಾಹಿತಿಯನ್ನು ನೀಡಿ ಸಹಕರಿಸುವುದು ಅಗತ್ಯವಾಗಿದೆ.