ಮದರಾಸಿಗೆ ಮಂಜುಗಡ್ಡೆ ತಂದ ಫ್ರೆಡರಿಕ್ ಟ್ಯೂಡರ್



ನಾವು ಪೆರಂಬೂರಿನವರು ಊರಿನಿಂದ ನೆಂಟರು ಬಂದಾಗ ಮರೀನಾಗೆ ಕರೆದುಕೊಂಡು ಹೋಗದೆ ಇರುವುದಿಲ್ಲ. ಅಲ್ಲಿ ಸಮುದ್ರಕ್ಕೆ ಎದುರಾಗಿ, ದುಂಡನೆಯ ಮುಂಭಾಗದ ಒಂದು ಹಳೆಯ ಕಟ್ಟಡವಿದೆ. ಈಗ ಅದು ವಿವೇಕಾನಂದರ್ ಇಲ್ಲಂ. ಆದರೆ ಸುತ್ತಲಿನ ಪ್ರದೇಶವನ್ನು ಆಟೋದವರಿಂದ ಹಿಡಿದು ಎಲ್ಲರೂ ಇಂದಿಗೂ ಐಸ್ ಹೌಸ್ ಎಂದೇ ಕರೆಯುತ್ತಾರೆ. ಅಲ್ಲಿನ ಪೊಲೀಸ್ ಠಾಣೆಗೂ ಅದೇ ಹೆಸರು. ಫ್ರಿಜ್ ಎಂಬುದೇ ಇಲ್ಲದ 1842ರ ಮದರಾಸಿನಲ್ಲಿ ಮಂಜುಗಡ್ಡೆಗೆಂದೇ ಒಂದು ಮನೆ ಕಟ್ಟಿದ್ದರು ಎಂದರೆ, ಆ ಮಂಜುಗಡ್ಡೆ ಎಲ್ಲಿಂದ ಬರುತ್ತಿತ್ತು? ಅಮೆರಿಕದಿಂದ, ಹಾಯಿಹಡಗಿನಲ್ಲಿ! ಅದನ್ನು ಕಳಿಸಿದವನ ಹೆಸರು ಫ್ರೆಡರಿಕ್ ಟ್ಯೂಡರ್. ಬೇಸಿಗೆಯಲ್ಲಿ ಮಕ್ಕಳಿಗೆಂದು ಮನೆಯಲ್ಲಿ ಐಸ್‌ಕ್ರೀಂ ಮಾಡುವ ನಾವೆಲ್ಲ ಆತನ ಕಥೆ ಒಮ್ಮೆ ತಿಳಿದುಕೊಳ್ಳಬೇಕು.

ಟ್ಯೂಡರ್ ಹುಟ್ಟಿದ್ದು 1783ರ ಸೆಪ್ಟೆಂಬರ್ 4ರಂದು, ಅಮೆರಿಕದ ಬೋಸ್ಟನ್ ನಗರದಲ್ಲಿ. ಅಪ್ಪ ಹೆಸರಾಂತ ವಕೀಲರು, ಅನುಕೂಲಸ್ಥ ಕುಟುಂಬ. ಅಣ್ಣತಮ್ಮಂದಿರು ಹಾರ್ವರ್ಡ್ ಕಾಲೇಜಿಗೆ ಹೋದರು. ಫ್ರೆಡರಿಕ್ ಮಾತ್ರ ಓದು ಸಾಕೆಂದು ಹದಿಮೂರರ ಸುಮಾರಿಗೇ ವ್ಯಾಪಾರದ ಕಡೆ ತಿರುಗಿದ. 1801ರಲ್ಲಿ ಕಾಯಿಲೆಯಲ್ಲಿದ್ದ ಸೋದರ ಜಾನ್‌ನನ್ನು ಕರೆದುಕೊಂಡು ಹವಾಮಾನ ಬದಲಾದರೆ ಗುಣವಾದೀತೆಂದು ಕ್ಯೂಬಾದ ಹವಾನಾಕ್ಕೆ ಹೋದ. ಅಲ್ಲಿನ ಸೆಖೆ ಸೋದರರಿಬ್ಬರನ್ನೂ ಹೈರಾಣಾಗಿಸಿತು. ಜಾನ್ ಬದುಕಲಿಲ್ಲ. 1802ರಲ್ಲಿ ತೀರಿಕೊಂಡ.

ಬೋಸ್ಟನ್ ಸುತ್ತಮುತ್ತ ಚಳಿಗಾಲದಲ್ಲಿ ಕೆರೆಗಳು ಹೆಪ್ಪುಗಟ್ಟುತ್ತವೆ. ಆ ಗಡ್ಡೆಯನ್ನು ಕೊಯ್ದು ನೆಲಮನೆಯಲ್ಲಿ ಇಟ್ಟುಕೊಂಡು ಬೇಸಿಗೆಯಲ್ಲಿ ತಂಪು ಪಾನೀಯಕ್ಕೂ ಐಸ್‌ಕ್ರೀಮಿಗೂ ಬಳಸುವುದು ಅಲ್ಲಿನ ಸ್ಥಿತಿವಂತರ ಮನೆಗಳಲ್ಲಿ ರೂಢಿಯಾಗಿತ್ತು. ಟ್ಯೂಡರ್ ಮನೆಯಲ್ಲೂ ಇತ್ತು. ಈ ಪುಕ್ಕಟೆ ಗಡ್ಡೆಯನ್ನು ಸೆಖೆಯ ದೇಶಗಳಿಗೆ ಒಯ್ದು ಮಾರಿದರೆ ಹೇಗೆ ಎಂಬ ಮಾತು 1805ರಲ್ಲಿ ಅಣ್ಣ ವಿಲಿಯಂನ ಬಾಯಿಂದ ಬಂತು. ಅಣ್ಣನಿಗೆ ಅದು ತಮಾಷೆ. ತಮ್ಮ ಅದನ್ನೇ ಜೀವನದ ಕೆಲಸ ಮಾಡಿಕೊಂಡ. ಆಗ ಅವನಿಗೆ 22 ವರ್ಷ.

ಕರಗಿ ನೀರಾಗುವ ಸರಕನ್ನು ಹಡಗಿಗೆ ಹಾಕಿಕೊಳ್ಳಲು ಯಾರೂ ಒಪ್ಪಲಿಲ್ಲ. ಟ್ಯೂಡರ್ ಫೇವರಿಟ್ ಎಂಬ ಹಡಗನ್ನು ತಾನೇ ಕೊಂಡ. 1806ರ ಫೆಬ್ರವರಿಯಲ್ಲಿ ಕೆರಿಬಿಯನ್ ದ್ವೀಪ ಮಾರ್ಟಿನಿಕ್‌ಗೆ ಹೊರಟ. ಬೋಸ್ಟನ್ನಿನ ಜನ ನಕ್ಕರು, ಪತ್ರಿಕೆಯೂ ನಕ್ಕಿತು. ಗಡ್ಡೆ ದ್ವೀಪಕ್ಕೆ ಸುರಕ್ಷಿತವಾಗಿಯೇ ತಲುಪಿತು. ತೊಂದರೆ ಶುರುವಾದದ್ದು ಅಲ್ಲಿಂದ ಮುಂದೆ. ಇಳಿಸಿ ಇಡಲು ಅಲ್ಲಿ ಐಸ್ ಹೌಸ್ ಇರಲಿಲ್ಲ. ಅದಕ್ಕಿಂತ ಮುಖ್ಯವಾಗಿ, ಕೊಂಡವರಿಗೆ ಅದನ್ನು ಏನು ಮಾಡಬೇಕೆಂದು ಗೊತ್ತಿರಲಿಲ್ಲ. ಮನೆಗೆ ಒಯ್ದು ಬಯಲಲ್ಲಿಟ್ಟು, ಕರಗಿ ಹೋಯಿತೆಂದು ಬೇಸರಪಟ್ಟುಕೊಂಡರು.

ಅಲ್ಲಿ ಟಿವೊಲಿ ಗಾರ್ಡನ್ ಎಂಬ ವಿಹಾರದ ತಾಣವಿತ್ತು. ತನ್ನ ಊರಿನ ಸೆಖೆಯಲ್ಲಿ ಐಸ್‌ಕ್ರೀಂ ಮಾಡಲು ಸಾಧ್ಯವೇ ಇಲ್ಲ ಎಂಬುದು ಅದರ ಮಾಲೀಕನ ವಾದ. ಟ್ಯೂಡರ್ ಗಡ್ಡೆ ಕೊಟ್ಟಿದ್ದಲ್ಲದೆ ಐಸ್‌ಕ್ರೀಮನ್ನೂ ತಾನೇ ಮಾಡಿ ತೋರಿಸಿದ. ಜನ ಮುಗಿಬಿದ್ದು ತಿಂದರು. ಗಾರ್ಡನ್ನಿನ ಮಾಲೀಕನಿಗೆ ಒಳ್ಳೆಯ ಲಾಭವಾಯಿತು. ಟ್ಯೂಡರ್ ಮಾತ್ರ ಆ ಪ್ರಯಾಣದಲ್ಲಿ ಸಾವಿರಾರು ಡಾಲರ್ ಕಳೆದುಕೊಂಡ. ಆದರೆ ಅಲ್ಲಿ ಕಲಿತ ಪಾಠ ಕೊನೆಯವರೆಗೂ ಅವನ ಕೈ ಹಿಡಿಯಿತು. ತಂಪು ಎಂಬುದನ್ನು ಕಂಡೇ ಇಲ್ಲದವರಿಗೆ ಗಡ್ಡೆ ಮಾರಿದರೆ ಸಾಲದು, ಅದರಿಂದ ಏನು ಮಾಡಬಹುದೆಂದು ಮಾಡಿ ತೋರಿಸಬೇಕು.

ಮುಂದಿನ ವರ್ಷಗಳು ಕಷ್ಟದವು. ಯೂರೋಪಿನ ಯುದ್ಧದ ಕಾರಣ ಅಮೆರಿಕ 1807ರ ಕೊನೆಯಲ್ಲಿ ವಿದೇಶಿ ವ್ಯಾಪಾರವನ್ನೇ ನಿಲ್ಲಿಸಿತು. ಅಪ್ಪ ಜಮೀನಿನ ವ್ಯವಹಾರದಲ್ಲಿ ಕೈಸುಟ್ಟುಕೊಂಡು ಮನೆತನದ ಆಸ್ತಿಯೆಲ್ಲ ಕರಗಿತು. ಆಗಿನ ಕಾನೂನಿನಲ್ಲಿ ಸಾಲ ತೀರಿಸದವರನ್ನು ಜೈಲಿಗೆ ಹಾಕುತ್ತಿದ್ದರು. ಟ್ಯೂಡರ್ 1812ರಲ್ಲಿ ಒಮ್ಮೆ, 1813ರಲ್ಲಿ ಮತ್ತೊಮ್ಮೆ ಸೆರೆಮನೆ ಕಂಡ. 1815ರಲ್ಲಿ ಮತ್ತೆ ಸಾಲ ಮಾಡಿ, ಹಳೆಯ ಸಾಲಕ್ಕೆ ಹಿಡಿಯಲು ಬಂದವರ ಕಣ್ಣು ತಪ್ಪಿಸಿ ಹವಾನಾಕ್ಕೆ ಹಡಗು ಹತ್ತಿದ. ಸೋದರ ನರಳಿದ್ದ ಅದೇ ಊರಿನಲ್ಲಿ ಒಂದು ಐಸ್ ಹೌಸ್ ಕಟ್ಟಿದ. ವ್ಯಾಪಾರ ನೆಲೆ ನಿಂತದ್ದು ಅಲ್ಲಿಂದ.

ಟ್ಯೂಡರ್ ವಿಜ್ಞಾನ ಓದಿದವನಲ್ಲ. ಆದರೂ ಪ್ರಯೋಗ ಮಾಡಿ ಮಾಡಿ ಒಂದು ವಿಷಯ ಕಂಡುಕೊಂಡ. ಒಂದು ಕಿಲೋ ಗಡ್ಡೆ ಪೂರ್ತಿ ಕರಗಲು ಬೇಕಾಗುವ ಶಾಖದಲ್ಲಿ, ಅದೇ ಒಂದು ಕಿಲೋ ತಣ್ಣೀರನ್ನು ಸೊನ್ನೆಯಿಂದ ಸುಮಾರು 80 ಡಿಗ್ರಿವರೆಗೆ ಬಿಸಿ ಮಾಡಬಹುದು. ಹಾಗಾಗಿ ಗಡ್ಡೆ ಅಷ್ಟು ಸುಲಭಕ್ಕೆ ಕರಗುವ ವಸ್ತುವಲ್ಲ. ಹೊರಗಿನ ಶಾಖ ಒಳಗೆ ನುಗ್ಗದಂತೆ ತಡೆದರೆ, ಕರಗಿದ ನೀರು ನಿಲ್ಲದಂತೆ ಬಸಿದರೆ, ದೊಡ್ಡ ದೊಡ್ಡ ಗಡ್ಡೆಗಳನ್ನು ಸಂದಿಲ್ಲದೆ ಒತ್ತಾಗಿ ಜೋಡಿಸಿದರೆ ತಿಂಗಳುಗಟ್ಟಲೆ ಉಳಿಯುತ್ತದೆ. ಹುಲ್ಲು, ಹೊಟ್ಟು ಎಲ್ಲ ಪರೀಕ್ಷಿಸಿ ಕೊನೆಗೆ ಸಾಮಿಲ್ಲುಗಳಲ್ಲಿ ಬಿಸಾಡುತ್ತಿದ್ದ ಮರದ ಪುಡಿಯನ್ನು ಆರಿಸಿಕೊಂಡ. ಅವನ ಜೊತೆ ಕೆಲಸ ಮಾಡುತ್ತಿದ್ದ ನಥಾನಿಯಲ್ ವೈಯತ್ 1825ರಲ್ಲಿ ಕುದುರೆ ಎಳೆಯುವ, ಗರಗಸದಂಥ ನೇಗಿಲನ್ನು ಮಾಡಿದ. ಹೆಪ್ಪುಗಟ್ಟಿದ ಕೆರೆಯ ಮೇಲೆ ಅದನ್ನು ಉಳುವಂತೆ ಓಡಿಸಿದರೆ ಗಡ್ಡೆಗಳು ಒಂದೇ ಅಳತೆಯಲ್ಲಿ, ನಮ್ಮ ಮೈಸೂರ್ ಪಾಕಿನ ತುಂಡುಗಳ ಹಾಗೆ ಬರುತ್ತಿದ್ದವು. ಒಂದೇ ಅಳತೆಯಿದ್ದರೆ ಸಂದು ಕಡಿಮೆ, ಸಂದು ಕಡಿಮೆಯಾದರೆ ಕರಗುವುದೂ ಕಡಿಮೆ.

ಮಾರಾಟದಲ್ಲೂ ಆತ ಚತುರ. ಹೊಸ ಊರಿಗೆ ಹೋದರೆ ಪಾನೀಯದಂಗಡಿಗಳಿಗೆ ಮೊದಲು ಪುಕ್ಕಟೆ ಐಸ್ ಕೊಡುತ್ತಿದ್ದ. ತಣ್ಣನೆಯ ಪಾನೀಯಕ್ಕೂ ಮಾಮೂಲಿ ಪಾನೀಯಕ್ಕೂ ಬೆಲೆ ಒಂದೇ ಇರಬೇಕು ಎಂಬುದಷ್ಟೇ ಷರತ್ತು. ರುಚಿ ಹತ್ತಿದ ಮೇಲೆ ಗಿರಾಕಿ ಬಿಡುವುದುಂಟೇ? ಮೊದಲ ತಿಂಗಳು ಉಚಿತ ಎನ್ನುವ ಇವತ್ತಿನ ಆ್ಯಪ್‌ಗಳ ಉಪಾಯವೂ ಇದೇ ತಾನೆ! ಪೈಪೋಟಿಗೆ ಬಂದವರನ್ನು ಮಾತ್ರ ಆತ ಸಹಿಸುತ್ತಿರಲಿಲ್ಲ. ನಷ್ಟವಾದರೂ ಬೆಲೆ ಇಳಿಸಿ ಅವರನ್ನು ಓಡಿಸುತ್ತಿದ್ದ. ಅವನದು ಸಂತನ ಕಥೆಯಲ್ಲ, ಹಟಮಾರಿ ವ್ಯಾಪಾರಿಯ ಕಥೆ.

1833ರ ಮೇ ತಿಂಗಳಲ್ಲಿ ಟಸ್ಕನಿ ಎಂಬ ಹಡಗು 180 ಟನ್ ಗಡ್ಡೆ ತುಂಬಿಕೊಂಡು ಬೋಸ್ಟನ್ನಿನಿಂದ ಕಲ್ಕತ್ತಾಗೆ ಹೊರಟಿತು. ಸೂಯೆಜ್ ಕಾಲುವೆ ಇನ್ನೂ ಇರಲಿಲ್ಲ. ಆಫ್ರಿಕಾವನ್ನು ಸುತ್ತಿಕೊಂಡು, ಭೂಮಧ್ಯರೇಖೆಯನ್ನು ಎರಡು ಸಲ ದಾಟಿ ನಾಲ್ಕು ತಿಂಗಳ ಪ್ರಯಾಣ. ಸೆಪ್ಟೆಂಬರಿನಲ್ಲಿ ತಲುಪಿದಾಗ ಸುಮಾರು 100 ಟನ್ ಹಾಗೇ ಉಳಿದಿತ್ತು. ಅಲ್ಲಿಯವರೆಗೆ ಕಲ್ಕತ್ತಾದವರಿಗೆ ಗೊತ್ತಿದ್ದದ್ದು ಚಳಿಗಾಲದ ರಾತ್ರಿಗಳಲ್ಲಿ ಹೂಗ್ಲಿ ಕಡೆ ಮಣ್ಣಿನ ತಟ್ಟೆಗಳಲ್ಲಿ ನೀರಿಟ್ಟು ತೆಗೆಯುತ್ತಿದ್ದ ಕೆಸರಿನಂಥ ಐಸ್. ಕನ್ನಡಿಯಂತೆ ಹೊಳೆಯುವ ಅಮೆರಿಕದ ಗಡ್ಡೆ ಕಂಡು ಊರು ಬೆರಗಾಯಿತು. ಸರ್ಕಾರ ಸುಂಕ ಬಿಟ್ಟುಕೊಟ್ಟಿತು. ಊರವರು ಚಂದಾ ಎತ್ತಿ ಐಸ್ ಹೌಸ್ ಕಟ್ಟಿಸಿದರು.

ಟ್ಯೂಡರ್‌ಗೆ ಈ ಯಶಸ್ಸು ಸರಿಯಾದ ಹೊತ್ತಿಗೇ ಬಂತು. ಅದೇ ಸಮಯದಲ್ಲಿ ಆತ ಕಾಫಿಯ ಬೆಲೆ ಏರುತ್ತದೆಂದು ನಂಬಿ ಹಣ ಹೂಡಿ 2 ಲಕ್ಷ ಡಾಲರಿಗೂ ಹೆಚ್ಚು ಕಳೆದುಕೊಂಡಿದ್ದ. ಆ ಸಾಲವನ್ನು ಮುಂದಿನ ಹದಿನೈದು ವರ್ಷದ ಸುಮಾರಿನಲ್ಲಿ ತೀರಿಸಿದ್ದು ಬಹುಮಟ್ಟಿಗೆ ಭಾರತದ ಐಸ್ ವ್ಯಾಪಾರವೇ. ಐವತ್ತು ದಾಟಿದ ಮೇಲೆ, 1834ರಲ್ಲಿ, ಯುಫೇಮಿಯಾ ಫೆನೊ ಎಂಬಾಕೆಯನ್ನು ಮದುವೆಯಾದ. ಆರು ಮಕ್ಕಳಾದರು.

ಕಲ್ಕತ್ತಾದ ನಂತರ ಬೊಂಬಾಯಿ, ಮದರಾಸು. ನಮ್ಮೂರಿಗೆ ಆಗ ಬಂದರು ಇರಲಿಲ್ಲ. ಹಡಗುಗಳು ದೂರದಲ್ಲೇ ನಿಲ್ಲುತ್ತಿದ್ದವು. ಸರಕೂ ಜನರೂ ಅಲೆಗಳ ಮೇಲೆ ಕುಣಿಯುವ ಮಸೂಲಾ ದೋಣಿಗಳಲ್ಲಿ ದಡಕ್ಕೆ ಬರಬೇಕಾಗಿತ್ತು. ಐಸ್ ಹೌಸನ್ನು ಸಮುದ್ರದ ದಂಡೆಯಲ್ಲೇ ಕಟ್ಟಿದ್ದು ಏಕೆಂದು ಇದರಿಂದ ತಿಳಿಯುತ್ತದೆ. ಮರಳಿನ ಮೇಲೆ ಹೊತ್ತು ನಡೆಯುವ ಪ್ರತಿ ನಿಮಿಷವೂ ನಷ್ಟ. ಬ್ರಿಟಿಷ್ ಅಧಿಕಾರಿಗಳು, ಹಣವಂತರು ಇದರ ಗಿರಾಕಿಗಳು. ಹೊತ್ತು ತಂದ ಕೂಲಿಯವರ ಮನೆಗೆ ಅದು ಹೋಗಿರಲಾರದು.

ಬೋಸ್ಟನ್ ಹತ್ತಿರದ ವಾಲ್ಡೆನ್ ಕೊಳದ ದಂಡೆಯಲ್ಲಿ ಆಗ ಹೆನ್ರಿ ಡೇವಿಡ್ ಥೋರೋ ಗುಡಿಸಲು ಕಟ್ಟಿಕೊಂಡು ವಾಸವಾಗಿದ್ದ. 1846-47ರ ಚಳಿಗಾಲದಲ್ಲಿ ಕೆಲಸಗಾರರು ಬಂದು ಆ ಕೊಳದ ಗಡ್ಡೆ ಕೊಯ್ದದ್ದನ್ನು ಕಣ್ಣಾರೆ ಕಂಡ. ಅವನ 'ವಾಲ್ಡೆನ್' ಪುಸ್ತಕದಲ್ಲಿ ಆ ವರ್ಣನೆಯಿದೆ. ತನ್ನ ಕೊಳದ ನೀರು ಕುಡಿಯುವ ದೂರದ ಊರುಗಳ ಪಟ್ಟಿಯಲ್ಲಿ ಮದರಾಸಿನ ಹೆಸರೂ ಇದೆ.

ಟ್ಯೂಡರ್ 1864ರ ಫೆಬ್ರವರಿ 6ರಂದು, 80 ವರ್ಷ ತುಂಬಿ, ಶ್ರೀಮಂತನಾಗಿ ತೀರಿಕೊಂಡ. ಅವನ ವ್ಯಾಪಾರ ಅವನ ನಂತರ ಹೆಚ್ಚು ವರ್ಷ ಉಳಿಯಲಿಲ್ಲ. 1870ರ ದಶಕದಲ್ಲಿ ಭಾರತದಲ್ಲೇ ಯಂತ್ರದಿಂದ ಐಸ್ ತಯಾರಾಗತೊಡಗಿತು. ಹಡಗುಗಳು ನಿಂತವು. ಖಾಲಿಯಾದ ಮದರಾಸಿನ ಕಟ್ಟಡವನ್ನು ಬಿಳಿಗಿರಿ ಅಯ್ಯಂಗಾರ್ ಎಂಬ ವಕೀಲರು ಕೊಂಡರು. ಹೆಸರು ಕೇಳಿದರೆ ನಮಗೆ ಬಿಳಿಗಿರಿರಂಗನೇ ನೆನಪಾಗುತ್ತಾನೆ, ಅಲ್ಲವೇ? 1897ರಲ್ಲಿ ಸ್ವಾಮಿ ವಿವೇಕಾನಂದರು ಪಶ್ಚಿಮದಿಂದ ಮರಳಿದಾಗ ಉಳಿದುಕೊಂಡದ್ದು ಈ ಮನೆಯಲ್ಲೇ. ಮುಂದೆ ಸಿಸ್ಟರ್ ಸುಬ್ಬಲಕ್ಷ್ಮಿಯವರು ಇಲ್ಲಿ ಬಾಲವಿಧವೆಯರಿಗಾಗಿ ಮನೆ ನಡೆಸಿದರು. ಹನ್ನೊಂದನೇ ವಯಸ್ಸಿಗೆ ತಾವೇ ವಿಧವೆಯಾಗಿದ್ದ ಅವರು 1911ರಲ್ಲಿ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಪದವಿ ಪಡೆದವರು. ಸಾಹೇಬರ ಗ್ಲಾಸಿಗೆ ಐಸ್ ಒದಗಿಸಲು ಎದ್ದ ಗೋಡೆಗಳ ಒಳಗೆ, ತಲೆ ಬೋಳಿಸಿ ಮೂಲೆಗೆ ಕೂರಿಸುತ್ತಿದ್ದ ಕಾಲದ ಹೆಣ್ಣುಮಕ್ಕಳು ಅಕ್ಷರ ಕಲಿತರು. ಟ್ಯೂಡರ್ ಇದನ್ನು ಕನಸಲ್ಲೂ ಎಣಿಸಿರಲಿಕ್ಕಿಲ್ಲ.

ಐಸ್ ಅಗ್ಗವಾದದ್ದರಿಂದಲೇ ಐಸ್‌ಕ್ರೀಂ ಮನೆಯ ಅಡುಗೆಯಾಯಿತು. 1843ರಲ್ಲಿ ಅಮೆರಿಕದ ನ್ಯಾನ್ಸಿ ಜಾನ್ಸನ್ ಎಂಬ ಮಹಿಳೆ ಕೈಯಲ್ಲಿ ತಿರುಗಿಸುವ ಐಸ್‌ಕ್ರೀಂ ಯಂತ್ರಕ್ಕೆ ಪೇಟೆಂಟ್ ಪಡೆದಳು. ಹೊರಗೆ ಮರದ ಬಕೆಟ್, ಒಳಗೆ ಲೋಹದ ಡಬ್ಬಿ, ನಡುವೆ ಐಸ್ ಮತ್ತು ಉಪ್ಪು. ಉಪ್ಪು ಬೆರೆತಾಗ ಐಸ್ ಸೊನ್ನೆಗಿಂತ ಎಷ್ಟೋ ಕೆಳಗಿನ ಉಷ್ಣತೆಯಲ್ಲೇ ಕರಗುತ್ತದೆ, ಕರಗಲು ಬೇಕಾದ ಶಾಖವನ್ನು ಡಬ್ಬಿಯ ಹಾಲಿನಿಂದ ಎಳೆದುಕೊಳ್ಳುತ್ತದೆ. ಯಂತ್ರವಿಲ್ಲದಿದ್ದರೂ ನಮ್ಮ ಅಡುಗೆಮನೆಯಲ್ಲಿ ಇದನ್ನು ಮಾಡಬಹುದು. ಮೊಟ್ಟೆ ಹಾಕದ, ಗಟ್ಟಿ ಚಾಕೊಲೇಟ್ ರುಚಿಯ ವಿಧಾನ ಹೀಗಿದೆ.

ಅರ್ಧ ಲೀಟರ್ ಗಟ್ಟಿ ಹಾಲಿನಲ್ಲಿ ಒಂದು ಲೋಟದಷ್ಟು ತಣ್ಣಗೆ ತೆಗೆದಿಟ್ಟು, ಅದರಲ್ಲಿ 40 ಗ್ರಾಂ ಕೋಕೋ ಪುಡಿ, 120 ಗ್ರಾಂ ಸಕ್ಕರೆ, ಒಂದು ದೊಡ್ಡ ಚಮಚ ಕಾರ್ನ್‌ಫ್ಲೋರ್ ಗಂಟಿಲ್ಲದಂತೆ ಕದಡಿ. ಉಳಿದ ಹಾಲು ಕುದಿ ಬಂದಾಗ ಇದನ್ನು ಸುರಿದು, ಸಣ್ಣ ಉರಿಯಲ್ಲಿ ಮೂರು ನಾಲ್ಕು ನಿಮಿಷ ಕೈಬಿಡದೆ ತಿರುವಿ. ಒಲೆ ಆರಿಸಿ, ಸಣ್ಣಗೆ ಹೆಚ್ಚಿದ 100 ಗ್ರಾಂ ಡಾರ್ಕ್ ಚಾಕೊಲೇಟ್, 200 ಮಿ.ಲೀ. ಫ್ರೆಶ್ ಕ್ರೀಂ, ಚಿಟಿಕೆ ಉಪ್ಪು ಹಾಕಿ ಕಲಸಿ. ಆರಿದ ಮೇಲೆ ಒಂದು ರಾತ್ರಿ ಫ್ರಿಜ್ಜಿನಲ್ಲಿಡಿ. ಈ ಮಿಶ್ರಣ ಮೊದಲೇ ತಣ್ಣಗಿದ್ದಷ್ಟೂ ಐಸ್ ಉಳಿಯುತ್ತದೆ.

ಮರುದಿನ ಬಿಗಿ ಮುಚ್ಚಳದ ಒಂದೂವರೆ ಲೀಟರಿನ ಸ್ಟೀಲ್ ಡಬ್ಬಿಗೆ ಸುರಿಯಿರಿ. ಬಕೆಟ್‌ನಲ್ಲಿ ಡಬ್ಬಿ ಇಟ್ಟು ಸುತ್ತ 3 ಕಿಲೋ ಪುಡಿ ಐಸ್, 1 ಕಿಲೋ ಕಲ್ಲುಪ್ಪನ್ನು ಪದರ ಪದರವಾಗಿ ತುಂಬಿ. ಬಕೆಟ್‌ಗೆ ಹಳೆಯ ಕಂಬಳಿ ಸುತ್ತಿ, ಟ್ಯೂಡರ್‌ನ ಮರದ ಪುಡಿಯ ಕೆಲಸವನ್ನು ಅದು ಮಾಡುತ್ತದೆ. ಡಬ್ಬಿಯನ್ನು ಹಿಂದೆ ಮುಂದೆ ತಿರುಗಿಸುತ್ತಿರಿ. ಐದೈದು ನಿಮಿಷಕ್ಕೆ ಮುಚ್ಚಳದ ಉಪ್ಪುನೀರು ಒರೆಸಿ ತೆರೆದು, ಅಂಚಿಗೆ ಕಟ್ಟಿದ್ದನ್ನು ಕೆರೆದು ನಡುವಿಗೆ ತಳ್ಳಿ. ಬೇಗ ಹೆಪ್ಪುಗಟ್ಟಿ, ಆಗಾಗ ಕದಡಿದರೆ ಐಸಿನ ಹರಳು ಸಣ್ಣದಾಗಿ ನಾಲಿಗೆಗೆ ನುಣುಪಾಗಿರುತ್ತದೆ. ಮುಕ್ಕಾಲು ಗಂಟೆಯ ಸುಮಾರಿಗೆ ಮೆತ್ತಗಿನ ಐಸ್‌ಕ್ರೀಂ ಸಿದ್ಧ. ಗಟ್ಟಿ ಬೇಕಿದ್ದರೆ ಮೂರು ನಾಲ್ಕು ಗಂಟೆ ಫ್ರೀಜರಿನಲ್ಲಿಡಿ.

ಮಕ್ಕಳು ಬರಿಗೈಯನ್ನು ಆ ಉಪ್ಪು ಬೆರೆತ ಐಸಿಗೆ ಹಾಕದಂತೆ ನೋಡಿಕೊಳ್ಳಿ, ಚರ್ಮ ಸುಟ್ಟಂತಾಗುತ್ತದೆ. ಉಳಿದ ಉಪ್ಪುನೀರನ್ನು ತುಳಸಿ ಗಿಡಕ್ಕೆ ಮಾತ್ರ ಹಾಕಬೇಡಿ. ಡಬ್ಬಿ ತಿರುಗಿಸುವ ಆ ಮುಕ್ಕಾಲು ಗಂಟೆ ಮಕ್ಕಳನ್ನು ಸುತ್ತ ಕೂರಿಸಿಕೊಂಡು ಟ್ಯೂಡರ್‌ನ ಕಥೆ ಹೇಳಿ. ಸಮಯ ಸರಿಹೋಗುತ್ತದೆ.