ಓಲೆಗರಿಯ ಕಟ್ಟು ಬಿಚ್ಚಿದ ವಕೀಲರು: ಶರಣ ಫ. ಗು. ಹಳಕಟ್ಟಿ

ಸಿದ್ದಾಪುರ ಸೀಮೆಯ ತ್ಯಾಗಲಿಯಂತಹ ಊರುಗಳಲ್ಲಿ ಮಳೆಗಾಲವೆಂದರೆ ಬಟ್ಟೆ, ಕಾಗದ, ಮರ ಎಲ್ಲಕ್ಕೂ ಬೂಷ್ಟು ಹಿಡಿಯುವ ಕಾಲ. ಕಾಪಾಡಬೇಕಾದ ವಸ್ತುವನ್ನು ಒಲೆಯ ಹೊಗೆ ತಾಗುವ ಅಟ್ಟಕ್ಕೆ ಏರಿಸುವುದು ಮಲೆನಾಡಿನ ಹಿರಿಯರ ರೂಢಿ. ಇದೇ ಉತ್ತರ ಕನ್ನಡ ಜಿಲ್ಲೆಯ ಉಳವಿಗೆ, ಕಲ್ಯಾಣದ ಕ್ರಾಂತಿಯ ತರುವಾಯ, ಚೆನ್ನಬಸವಣ್ಣನವರೊಡನೆ ಶರಣರು ವಚನಗಳ ಕಟ್ಟುಗಳನ್ನು ಹೊತ್ತು ಕಾಡಿನ ದಾರಿಯಲ್ಲಿ ಬಂದರೆಂದು ನಮ್ಮ ಪರಂಪರೆ ನೆನೆಯುತ್ತದೆ. ಹೀಗೆ ಉಳಿದು ಬಂದ ಓಲೆಗರಿಗಳಿಗೆ ಮಳೆ, ಗೆದ್ದಲು, ಬೆಂಕಿಗಳಷ್ಟೇ ಶತ್ರುಗಳಾಗಿರಲಿಲ್ಲ. ನಮ್ಮ ಭಕ್ತಿಯೂ ಒಂದು ಬಗೆಯಲ್ಲಿ ಅವುಗಳಿಗೆ ಮುಳುವಾಯಿತೆಂಬುದನ್ನು ನಾವು ಸಂಕೋಚವಿಲ್ಲದೆ ಒಪ್ಪಿಕೊಳ್ಳಬೇಕು. ಕಟ್ಟಿಗೆ ವಿಭೂತಿ ಧರಿಸಿ, ಪತ್ರೆ ಏರಿಸಿ, ಜಗುಲಿಯ ಮೇಲಿಟ್ಟು ಪೂಜಿಸಿದೆವು. ಆದರೆ ಬಿಚ್ಚಿ ಓದಲಿಲ್ಲ. ಓದಲು ಬಾರದಷ್ಟು ಜೀರ್ಣವಾದಾಗ ಹೊಳೆಗೆ ಬಿಟ್ಟು ಕೈಮುಗಿದೆವು. ಆ ಕಟ್ಟುಗಳನ್ನು ಬಿಚ್ಚಿ, ಓದಿ, ಅಚ್ಚುಹಾಕಿ ನಾಡಿನ ಕೈಗಿತ್ತವರು ವೃತ್ತಿಯಿಂದ ವಕೀಲರಾಗಿದ್ದ ಫಕೀರಪ್ಪ ಗುರುಬಸಪ್ಪ ಹಳಕಟ್ಟಿಯವರು.

ಅವರು ಜನಿಸಿದ್ದು 1880ರ ಜುಲೈ 2ರಂದು, ಧಾರವಾಡದಲ್ಲಿ. ತಂದೆ ಗುರುಬಸಪ್ಪನವರು ಶಿಕ್ಷಕರು, ಬರಹಗಾರರು. ತಾಯಿ ದಾನಮ್ಮನವರು ಮಗನ ಎಳವೆಯಲ್ಲಿಯೇ ತೀರಿಕೊಂಡದ್ದರಿಂದ ಅಜ್ಜಿಯ ಮಡಿಲಲ್ಲಿ ಬೆಳೆದರು. ಮುಂಬಯಿಯ ಸೇಂಟ್ ಝೇವಿಯರ್ ಕಾಲೇಜಿನಲ್ಲಿ ಓದಿ, 1904ರಲ್ಲಿ ಕಾನೂನು ಪದವಿ ಪಡೆದು, ಬಳಿಕ ಬಿಜಾಪುರದಲ್ಲಿ ನೆಲೆಸಿದರು. ಆ ಬರಗಾಲದ ಜಿಲ್ಲೆಯಲ್ಲಿ ಅವರು ಕೈಹಾಕದ ಸಾರ್ವಜನಿಕ ಕಾರ್ಯವಿರಲಿಲ್ಲ. ಬಿ.ಎಲ್.ಡಿ.ಇ. ವಿದ್ಯಾಸಂಸ್ಥೆ, ಸಿದ್ಧೇಶ್ವರ ಬ್ಯಾಂಕು ಇವುಗಳ ಸ್ಥಾಪಕರಲ್ಲಿ ಅವರೂ ಒಬ್ಬರು. ಮುಂಬಯಿ ವಿಧಾನ ಪರಿಷತ್ತಿನ ಸದಸ್ಯರೂ ಆಗಿದ್ದರು. ಇವಿಷ್ಟೇ ಆಗಿದ್ದರೂ ಊರು ಅವರನ್ನು ನೆನೆಯುತ್ತಿತ್ತು. ಆದರೆ ಇಡೀ ನಾಡು ನೆನೆಯುವುದು ಬೇರೆಯ ಕಾರಣಕ್ಕೆ.

ನೇಕಾರರ ಊರುಗಳಾದ ರಬಕವಿ ಬನಹಟ್ಟಿಯ ಒಂದು ಮನೆಯಲ್ಲಿ ಪ್ರಭುದೇವರ ವಚನಗಳೇ ಮೊದಲಾದ ಓಲೆಗರಿಯ ಗ್ರಂಥಗಳು ತರುಣ ಹಳಕಟ್ಟಿಯವರ ಕಣ್ಣಿಗೆ ಬಿದ್ದವು. ಅಂದಿನಿಂದ ಅವರಿಗೆ ಅದೇ ಧ್ಯಾನ. ನ್ಯಾಯಾಲಯದ ಕೆಲಸ ಮುಗಿದೊಡನೆ ಹಳ್ಳಿಗಳತ್ತ ಹೊರಡುವುದು, ಮಠಗಳಲ್ಲಿ ವಿಚಾರಿಸುವುದು, ಕಟ್ಟು ಕೊಡಲು ಹಿಂಜರಿದವರ ಮನೆಗೆ ಮತ್ತೆ ಮತ್ತೆ ಹೋಗುವುದು ಅವರ ದಿನಚರಿಯಾಯಿತು. 1920ರ ಹೊತ್ತಿಗೆ ಅವರ ಸಂಗ್ರಹದಲ್ಲಿ ಸುಮಾರು ಒಂದು ಸಾವಿರ ಓಲೆಗರಿಯ ಕಟ್ಟುಗಳು ಸೇರಿದ್ದವು. ತಮಿಳುನಾಡಿನಲ್ಲಿ ಉ. ವೇ. ಸ್ವಾಮಿನಾಥ ಅಯ್ಯರ್ ಅವರು ಸಂಘಂ ಕಾವ್ಯಗಳಿಗಾಗಿ ಊರೂರು ಅಲೆದದ್ದೂ, ಅದಕ್ಕೂ ಬಹು ಹಿಂದೆ ಇಟಲಿಯ ವಿದ್ವಾಂಸರು ಕ್ರೈಸ್ತ ಮಠಗಳ ಕಪಾಟುಗಳಲ್ಲಿ ಮರೆತುಹೋದ ಲ್ಯಾಟಿನ್ ಗ್ರಂಥಗಳನ್ನು ಅರಸಿದ್ದೂ ಇದೇ ಜಾತಿಯ ಕೆಲಸ. ಮನುಷ್ಯನು ಹಿಂದೆ ಏನನ್ನು ಆಲೋಚಿಸಿದ್ದನೆಂಬುದನ್ನು ಮೂಲದಲ್ಲಿಯೇ ಓದಿ ತಿಳಿಯಬೇಕೆಂಬ ಹಂಬಲಕ್ಕೆ ದೇಶಭೇದವಿಲ್ಲ.

ಓಲೆಗರಿಯನ್ನು ಓದುವುದು ಎಂತಹ ಕಾರ್ಯವೆಂಬುದನ್ನು ಇಂದಿನ ಓದುಗರಿಗೆ ತುಸು ವಿವರಿಸಬೇಕು. ಕಂಟದಿಂದ ಗರಿಯ ಮೇಲೆ ಕೊರೆದ ಅಕ್ಷರಕ್ಕೆ ಬಣ್ಣವಿರುವುದಿಲ್ಲ. ಕಾಡಿಗೆ ಸವರಿ ಒರೆಸಿದಾಗಲೇ ಅದು ಕಣ್ಣಿಗೆ ಕಾಣುವುದು. ಪದಪದಕ್ಕೆ ನಡುವೆ ಬಿಡುವಿಲ್ಲ. ಎಕಾರ ಏಕಾರಗಳಿಗೂ ಒಕಾರ ಓಕಾರಗಳಿಗೂ ಬರವಣಿಗೆಯಲ್ಲಿ ಭೇದವಿಲ್ಲದಿರುವುದೇ ಹೆಚ್ಚು. ಅರ್ಥ ನೋಡಿ ಹ್ರಸ್ವವೋ ದೀರ್ಘವೋ ಎಂದು ಓದುಗನೇ ನಿರ್ಣಯಿಸಬೇಕು. ಅಂಚು ಮುರಿದಲ್ಲಿ, ಹುಳು ತಿಂದಲ್ಲಿ ಅಕ್ಷರವೇ ಇಲ್ಲ. ಇನ್ನು ಪ್ರತಿಕಾರರೋ, ಒಬ್ಬರು ಸಾಲು ಬಿಟ್ಟರೆ ಇನ್ನೊಬ್ಬರು ತಮಗೆ ತಿಳಿಯದ ಹಳೆಯ ಪದವನ್ನು ತಿದ್ದಿರುತ್ತಾರೆ. ವಚನವು ಯಾರದೆಂದು ತಿಳಿಯಲು ಅಂಕಿತವೇ ಗುರುತು. ಆದರೆ ಒಂದು ಕಟ್ಟಿನಲ್ಲಿ ಒಬ್ಬ ಶರಣರ ಅಂಕಿತದಲ್ಲಿರುವ ವಚನ ಮತ್ತೊಂದು ಕಟ್ಟಿನಲ್ಲಿ ಬೇರೊಬ್ಬರ ಅಂಕಿತದಲ್ಲಿ ಸಿಕ್ಕರೆ ಯಾವುದನ್ನು ನಂಬುವುದು? ಇಲ್ಲಿ ಹಳಕಟ್ಟಿಯವರಿಗೆ ತಮ್ಮ ವೃತ್ತಿಯೇ ನೆರವಾಯಿತೆಂದು ನಮಗೆ ತೋರುತ್ತದೆ. ಒಬ್ಬ ಸಾಕ್ಷಿಯ ಮಾತನ್ನು ಮತ್ತೊಬ್ಬನ ಮಾತಿನೊಡನೆ ತೂಗಿ ನೋಡುವ ಅಭ್ಯಾಸವುಳ್ಳವರು, ಒಂದು ಪ್ರತಿಯನ್ನು ಮತ್ತೊಂದರ ಪಕ್ಕದಲ್ಲಿಟ್ಟು ಓದಿದರು.

ಹೀಗೆ ಸಿದ್ಧವಾದ ವಚನಶಾಸ್ತ್ರಸಾರದ ಮೊದಲ ಭಾಗದ ಹಸ್ತಪ್ರತಿಯನ್ನು ಅವರು ಮಂಗಳೂರಿನ ಬಾಸೆಲ್ ಮಿಶನ್ ಮುದ್ರಣಾಲಯಕ್ಕೆ ಕಳುಹಿಸಿದರು. ಕನ್ನಡದ ಅಂದವಾದ ಮುದ್ರಣಕ್ಕೆ ಅದು ಆಗ ಹೆಸರಾಗಿತ್ತು. ಹಸ್ತಪ್ರತಿ ಅಚ್ಚಾಗದೆ ಮರಳಿ ಬಂತು. ಬಳಿಕ 1923ರಲ್ಲಿ ಬೆಳಗಾವಿಯಲ್ಲಿ ಗ್ರಂಥವು ಬೆಳಕು ಕಂಡಿತು. ಈ ಪ್ರಸಂಗವನ್ನು ಹೇಳುವಾಗ ಅನ್ಯಮತದವರನ್ನು ದೂರುವ ಪರಿಪಾಠ ನಮ್ಮಲ್ಲಿ ಕೆಲವರಿಗುಂಟು, ಅದು ಸಲ್ಲದು. ಕ್ರೈಸ್ತ ಪಾದ್ರಿಗಳಾಗಿದ್ದ ರೆವರೆಂಡ್ ಚನ್ನಪ್ಪ ಉತ್ತಂಗಿಯವರೇ ಸರ್ವಜ್ಞನ ತ್ರಿಪದಿಗಳನ್ನು ಸಂಪಾದಿಸಿ, ವಚನಗಳ ಅಧ್ಯಯನಕ್ಕೂ ತಮ್ಮ ಬಾಳನ್ನು ಸವೆಸಿದರೆಂಬುದನ್ನು ಮರೆಯಬಾರದು.

ಪರರ ಮುದ್ರಣಾಲಯವನ್ನು ನೆಚ್ಚಿ ಈ ಕೆಲಸ ಸಾಗದೆಂದು ಹಳಕಟ್ಟಿಯವರಿಗೆ ಮನವರಿಕೆಯಾಯಿತು. ಇದ್ದ ಮನೆಯನ್ನು ಮಾರಿದರು. 1925ರಲ್ಲಿ ಬಿಜಾಪುರದಲ್ಲಿ ಹಿತಚಿಂತಕ ಮುದ್ರಣಾಲಯ ಆರಂಭವಾಯಿತು. ಪತ್ನಿ ಭಾಗೀರಥಿಯವರು ಬಾಡಿಗೆಯ ಮನೆಯಲ್ಲಿ ಸಂಸಾರ ತೂಗಿಸಿದರು. ವಚನಗಳ ಉಳಿವನ್ನು ಕುರಿತು ನಾವು ಎಷ್ಟೋ ಗ್ರಂಥಗಳನ್ನು ಬರೆದಿದ್ದೇವೆ. ಆ ತಾಯಿಯ ಪಾಲನ್ನು ಕುರಿತು ಒಂದು ಪುಟವನ್ನಾದರೂ ತುಂಬಿ ಬರೆದವರು ವಿರಳ. 1926ರಲ್ಲಿ ಶಿವಾನುಭವ ಪತ್ರಿಕೆ, ಮರುವರ್ಷ ನವಕರ್ನಾಟಕ ವಾರಪತ್ರಿಕೆ ಹೊರಟವು. ಶಿವಾನುಭವವು ಮೂರು ದಶಕಗಳಿಗೂ ಮಿಕ್ಕು ನಡೆಯಿತು. ಚಂದಾದಾರರು ಕಡಿಮೆ, ಸಾಲ ಹೆಚ್ಚು. ಲೇಖನ ಬರೆಯುವುದು, ಕರಡು ತಿದ್ದುವುದು, ಕೆಲವೊಮ್ಮೆ ಅಂಚೆಗೆ ಹಾಕುವುದೂ ಸಂಪಾದಕರದೇ ಪಾಡು.

ಅವರು ಕೆಲಸ ಆರಂಭಿಸಿದಾಗ ಸಾಹಿತ್ಯಚರಿತ್ರೆಗೆ ಪರಿಚಿತರಾಗಿದ್ದ ವಚನಕಾರರು ಸುಮಾರು ಐವತ್ತು ಮಂದಿ. ಅವರ ಶೋಧದಿಂದ ಆ ಸಂಖ್ಯೆ ಇನ್ನೂರನ್ನು ದಾಟಿತು. ಈ ಅಂಕಿಯ ಹಿಂದಿರುವವರು ಯಾರೆಂಬುದನ್ನು ನೋಡಬೇಕು. ಅಂಬಿಗರು, ಮಾದಾರರು, ಮಡಿವಾಳರು, ಹಗ್ಗ ಹೊಸೆಯುವವರು, ಕದಿರ ರೆಮ್ಮವ್ವೆಯಂತೆ ರಾಟೆಯಿಂದ ನೂಲುವವರು, ಅಕ್ಕಿ ಆಯುವ ಕಾಯಕದ ಲಕ್ಕಮ್ಮನಂತಹ ತಾಯಂದಿರು. ಅರಸರ ಆಶ್ರಯವಾಗಲಿ ಆಸ್ಥಾನದ ಬಿರುದಾಗಲಿ ಇಲ್ಲದ ಇವರು ಆಲೋಚಿಸಿದ್ದರು, ಆಲೋಚಿಸಿದ್ದನ್ನು ಆಡುಮಾತಿನಲ್ಲಿ ನುಡಿದಿದ್ದರು ಎಂಬುದಕ್ಕೆ ಹುಳು ಮೇಯುತ್ತಿದ್ದ ಆ ಗರಿಗಳೇ ಆಧಾರ. ಕಟ್ಟು ಹೊಳೆ ಸೇರಿದ್ದರೆ ಅದರೊಡನೆ ಇವರ ಹೆಸರೂ ಹೋಗುತ್ತಿತ್ತು. ಹರಿಹರನ ರಗಳೆಗಳನ್ನೂ ಗೂಳೂರು ಸಿದ್ಧವೀರಣ್ಣೊಡೆಯರ ಶೂನ್ಯಸಂಪಾದನೆಯನ್ನೂ ಹಳಕಟ್ಟಿಯವರು ಅಚ್ಚಿಗೆ ತಂದರು. ಕನ್ನಡ ಬಾರದ ವಿದ್ವಾಂಸರಿಗೂ ತಿಳಿಯಲೆಂದು ವಚನಗಳನ್ನು ಇಂಗ್ಲಿಷಿಗೆ ಅನುವಾದಿಸಿ ಇಂಡಿಯನ್ ಆಂಟಿಕ್ವೆರಿ ಪತ್ರಿಕೆಯಲ್ಲಿ ಪ್ರಕಟಿಸಿದರು.

ಅವರ ಕೆಲಸದಲ್ಲಿ ಕೊರತೆಗಳಿಲ್ಲವೆಂದು ನಾವು ಹೇಳೆವು. ವಚನಶಾಸ್ತ್ರಸಾರದಲ್ಲಿ ವಚನಗಳನ್ನು ವಿಷಯಕ್ಕನುಗುಣವಾಗಿ ಹಂಚಿ ಜೋಡಿಸಿದ್ದಾರೆ. ಓದುವ ಭಕ್ತರಿಗೆ ಅದು ಅನುಕೂಲ, ಒಬ್ಬೊಬ್ಬ ಶರಣರ ಚಿಂತನೆಯನ್ನು ಇಡಿಯಾಗಿ ಅರಿಯಬಯಸುವ ಅಭ್ಯಾಸಿಗೆ ಅಷ್ಟು ಅನುಕೂಲವಲ್ಲ. ಪಾಠಾಂತರಗಳನ್ನು ಇಂದಿನ ಗ್ರಂಥಸಂಪಾದನ ಶಾಸ್ತ್ರ ಬಯಸುವಷ್ಟು ಕ್ರಮಬದ್ಧವಾಗಿ ಅವರು ನಮೂದಿಸಿಲ್ಲ. ಶಿ. ಶಿ. ಬಸವನಾಳ, ಆರ್. ಸಿ. ಹಿರೇಮಠ, ಎಂ. ಎಂ. ಕಲಬುರ್ಗಿ ಮೊದಲಾದವರು ಮುಂದೆ ಹೊಸ ಪ್ರತಿಗಳನ್ನು ಹುಡುಕಿ ಪಾಠವನ್ನು ಪರಿಷ್ಕರಿಸಿದರು. ಕಲಬುರ್ಗಿಯವರ ಪ್ರಧಾನ ಸಂಪಾದಕತ್ವದಲ್ಲಿ ಕರ್ನಾಟಕ ಸರ್ಕಾರವು 1993ರಲ್ಲಿ ಸಮಗ್ರ ವಚನ ಸಂಪುಟಗಳನ್ನು 15 ಸಂಪುಟಗಳಲ್ಲಿ ಪ್ರಕಟಿಸಿತು. ಹಿಂದಿನವರ ಪಾಠವನ್ನು ತಿದ್ದುವುದು ಅವರಿಗೆ ಅಗೌರವ ತೋರಿದಂತೆ ಎಂದು ಭಾವಿಸುವವರು ಹಳಕಟ್ಟಿಯವರ ಮಾರ್ಗವನ್ನು ಸರಿಯಾಗಿ ಅರಿತವರಲ್ಲ. ಸರಿಯಾದ ಪಾಠ ಸಿಗಲೆಂದೇ ಅವರು ಒಂದರ ಬಳಿಕ ಒಂದರಂತೆ ಕಟ್ಟುಗಳನ್ನು ಅರಸಿದ್ದು.

ಮನ್ನಣೆಗಳೂ ಬಂದವು. 1926ರಲ್ಲಿ ಬಳ್ಳಾರಿಯ ಕನ್ನಡ ಸಾಹಿತ್ಯ ಸಮ್ಮೇಳನಕ್ಕೆ ಅಧ್ಯಕ್ಷರಾದರು. 1956ರಲ್ಲಿ ಕರ್ನಾಟಕ ವಿಶ್ವವಿದ್ಯಾಲಯವು ಗೌರವ ಡಾಕ್ಟರೇಟ್ ನೀಡಿತು. ಬಿಜಾಪುರಕ್ಕೆ ಬಂದ ಬಿ. ಎಂ. ಶ್ರೀಕಂಠಯ್ಯನವರನ್ನು ಗೋಳಗುಮ್ಮಟ ನೋಡಲು ಕರೆದಾಗ, ಅದಕ್ಕೂ ಮೊದಲು ವಚನಗುಮ್ಮಟವನ್ನು ಕಾಣಬೇಕೆಂದು ಅವರು ಹಳಕಟ್ಟಿಯವರ ಮನೆಗೆ ನಡೆದರೆಂಬ ಸಂಗತಿಯನ್ನು ಆ ಭಾಗದ ಹಿರಿಯರು ಇಂದಿಗೂ ಹೇಳುತ್ತಾರೆ. ಆ ಗುಮ್ಮಟವಿದ್ದದ್ದು ಸಾಲದ ಹೊರೆಯ ಕೆಳಗೆ.

ಇಳಿವಯಸ್ಸಿನಲ್ಲಿಯೂ ಅವರ ಮೇಜಿನ ಮೇಲೆ ಕರಡಚ್ಚುಗಳು ಇದ್ದೇ ಇರುತ್ತಿದ್ದವು. ಅವರು ಹುಟ್ಟಿದ ಜುಲೈ 2ನ್ನು ಈಗ ವಚನ ಸಾಹಿತ್ಯ ಸಂರಕ್ಷಣಾ ದಿನವಾಗಿ ಆಚರಿಸಲಾಗುತ್ತಿದೆ. ವಿಜಯಪುರದಲ್ಲಿ ಅವರ ಹೆಸರಿನ ಸಂಶೋಧನ ಕೇಂದ್ರವು ಅವರ ಸಮಗ್ರ ಸಾಹಿತ್ಯವನ್ನು ಹೊರತಂದಿದೆ. ಅವರು ಲಿಂಗೈಕ್ಯರಾದದ್ದು 1964ರ ಜೂನ್ 29ರಂದು. ಎಂಬತ್ತನಾಲ್ಕು ತುಂಬಲು ಇನ್ನು ಮೂರು ದಿನಗಳಿದ್ದವು.